ನನ್ನ ಹೆಬ್ಬೆರಳಿಗಾಗಿ ಸತ್ತ ಚಿಕ್ಕಪ್ಪ

ದೇವರು ಮನುಷ್ಯನಿಗೆ ಹತ್ತು ಬೆರಳು ಕೊಟ್ಟಿದ್ದಾನೆ. ಅವುಗಳಲ್ಲಿ ಒಂಬತ್ತು ನನ್ನವು. ಹತ್ತನೆಯದು, ಅಂದರೆ ಬಲಗೈ ಹೆಬ್ಬೆರಳು, ನಲವತ್ತೊಂದು ವರ್ಷದಿಂದ ನನ್ನ ಹೆಂಡತಿ ಸೆರಾಫಿನಳ ಸೊತ್ತು. ಮದುವೆಯ ದಿನ ಇಗರ್ಜಿಯಲ್ಲಿ ಪಾದ್ರಿಗಳು ಓದಿ ಹೇಳಿಸಿದ ಪ್ರತಿಜ್ಞೆಯಲ್ಲಿ ಈ ಬೆರಳಿನ ಪ್ರಸ್ತಾಪವೇ ಇರಲಿಲ್ಲ. ಇದ್ದಿದ್ದರೆ ನಾನು ಒಂದು ಗಳಿಗೆ ಯೋಚಿಸುತ್ತಿದ್ದೆ.

ವಿಷಯ ಇಷ್ಟೆ. ಇಟಲಿಯ ದಕ್ಷಿಣ ತುದಿಯ ನಮ್ಮ ಕಲಾಬ್ರಿಯದ ಬೆಟ್ಟದೂರುಗಳಲ್ಲಿ ಕ್ರಿಸ್‌ಮಸ್ ಬಂತೆಂದರೆ ತುರ್ದಿಲ್ಲಿ ಎಂಬ ಸಿಹಿತಿಂಡಿ ಆಗಲೇಬೇಕು. ಸಿಹಿ ವೈನು, ಆಲಿವ್ ಎಣ್ಣೆ ಬಿಸಿ ಮಾಡಿ ಸುರಿದು ಹಿಟ್ಟು ಕಲಸಿ, ಹೊಸೆದು, ತುಂಡು ಮಾಡಿ, ಒಂದೊಂದೇ ತುಂಡನ್ನು ಬುಟ್ಟಿಯ ಬೆನ್ನಿನ ಮೇಲಿಟ್ಟು ಹೆಬ್ಬೆರಳಿನಿಂದ ಒತ್ತಿ ಉರುಳಿಸಬೇಕು. ಆಗ ಮೈಮೇಲೆ ಗೀರು ಬೀಳುತ್ತದೆ. ಎಣ್ಣೆಯಲ್ಲಿ ಕರಿದು ಬಿಸಿ ಜೇನಿಗೆ ಹಾಕಿದಾಗ ಜೇನು ನಿಲ್ಲುವುದು ಆ ಗೀರಿನಲ್ಲೇ. ಗೀರು ಸರಿಯಾಗಿ ಬೀಳದಿದ್ದರೆ ಜೇನು ಜಾರುತ್ತದೆ, ಅದರ ಹಿಂದೆಯೇ ಮನೆಯ ಮಾನವೂ ಜಾರುತ್ತದೆ. ಹೀಗಾಗಿ ಕಲಸುವುದು, ಕರಿಯುವುದು ಸೆರಾಫಿನಳ ಖಾತೆ. ಒತ್ತುವುದು ನನ್ನ ಅಂಗುಷ್ಠದ ಖಾತೆ. ಪ್ರತಿ ವರ್ಷ ಸುಮಾರು ಎರಡು ಸಾವಿರ ತುಂಡು. (ಉತ್ಪ್ರೇಕ್ಷೆ ಎನ್ನುವವರು ಡಿಸೆಂಬರಿನಲ್ಲಿ ನಮ್ಮ ಮನೆಗೆ ಬರಲಿ. ಇನ್ನೊಂದು ಬುಟ್ಟಿ ಇದೆ.)

ಅಂಚೆ ಇಲಾಖೆಯಲ್ಲಿದ್ದಷ್ಟು ಕಾಲ ಹಬ್ಬದ ಕಾಗದಗಳ ನೆಪ ಹೇಳಿ ಅರ್ಧ ತಪ್ಪಿಸಿಕೊಳ್ಳುತ್ತಿದ್ದೆ. ನಿವೃತ್ತನಾದೆ ನೋಡಿ, ಇಡಿಯಾಗಿ ಸಿಕ್ಕಿಬಿದ್ದೆ.

ಇಲ್ಲಿ ನಮ್ಮ ದಾಂಪತ್ಯದ ಗುಟ್ಟನ್ನೂ ಹೇಳಿಬಿಡುತ್ತೇನೆ. ರಾತ್ರಿಯೂಟಕ್ಕೆ ಮೊದಲು ನಾನು ಪೇಪರ್ ಓದುತ್ತೇನೆ, ಅವಳು ಮಾತಾಡುತ್ತಾಳೆ. ಅವಳು ಉಸಿರು ತೆಗೆದುಕೊಳ್ಳಲು ನಿಂತಾಗೆಲ್ಲ ನಾನು "ಹೂಂ" ಅನ್ನುತ್ತೇನೆ. ಅವಳು ಏನು ಹೇಳಿದಳೆಂದು ನನಗೆ ತಿಳಿಯದು, ಪೇಪರಿನಲ್ಲಿ ಏನಿತ್ತೆಂದು ಅವಳಿಗೆ ತಿಳಿಯದು. ಇದರಿಂದಾಗಿ ನಮ್ಮಿಬ್ಬರ ನಡುವೆ ಎಂದೂ ಭಿನ್ನಾಭಿಪ್ರಾಯ ಬಂದಿಲ್ಲ.

ಹೋದ ವರ್ಷ ಡಿಸೆಂಬರಿನ ಮೊದಲ ವಾರ ಅವಳು ಪೇಪರನ್ನೇ ಕಿತ್ತು ಪಕ್ಕಕ್ಕಿಟ್ಟಳು.

"ಕೇಳಿಸ್ತಾ? ಈ ಸಲ ಹತ್ತು ಕಿಲೊ ಹಿಟ್ಟು."

"ಹತ್ತಾ? ಮನೇಲಿರೋದು ಇಬ್ಬರು ಕಣೇ."

"ತಿನ್ನೋಕೆ ಇಬ್ಬರು. ಕೊಡೋದು ಓಣಿಗೆಲ್ಲ."

"ಓಣಿಯವರೂ ಅದನ್ನೇ ಮಾಡ್ತಾರಲ್ಲ. ನಾವು ಅವರಿಗೆ ಕೊಡ್ತೀವಿ, ಅವರು ನಮಗೆ ಕೊಡ್ತಾರೆ. ಅವರವರದ್ದು ಅವರವರೇ ತಿಂದ್ಕೊಂಡ್ರೆ ಏನಾಗುತ್ತೆ?"

"ಏನೂ ಆಗಲ್ಲ. ಯಾರೂ ಯಾರ ಮನೆ ಬಾಗಿಲೂ ತಟ್ಟಲ್ಲ, ಅಷ್ಟೆ."

"ನನ್ನ ಹೆಬ್ಬೆರಳು ನೋಡು, ಹೋದ ವರ್ಷದ ನೋವೇ ಇನ್ನೂ ಹೋಗಿಲ್ಲ."

"ನೋಡ್ದೆ. ಕೈಗೆ ಅಂಟ್ಕೊಂಡೇ ಇದೆಯಲ್ಲ, ಇನ್ನೇನು ಬೇಕು?"

ಅಂದು ಸಂಜೆ ಬೇಸರದಿಂದ ಓಣಿಯಲ್ಲಿ ಅಡ್ಡಾಡುತ್ತಿದ್ದಾಗ ನನಗೆ ಜ್ಞಾನೋದಯವಾಯಿತು. ಮೂಲೆಮನೆಯ ಬಾಗಿಲಿಗೆ ಕಪ್ಪು ಪಟ್ಟಿ ಕಟ್ಟಿತ್ತು. ಬೇಸಿಗೆಯಲ್ಲಿ ಆ ಮನೆಯ ಯಜಮಾನ ತೀರಿಕೊಂಡಿದ್ದ. ಸೂತಕದ ಮನೆಯಲ್ಲಿ ಹಬ್ಬಕ್ಕೆ ಎಣ್ಣೆ ಕಾಯಿಸಬಾರದು, ನೆರೆಹೊರೆಯವರೇ ತುರ್ದಿಲ್ಲಿ ತಟ್ಟೆ ತಂದು ಕೊಡಬೇಕು. ಇದು ನಮ್ಮಜ್ಜನ ಅಜ್ಜನ ಕಾಲದ ಪದ್ಧತಿ. ಕೈಗೆ ಕೆಲಸವಿಲ್ಲ, ಬಾಯಿಗೆ ಬಿಡುವಿಲ್ಲ. ಆ ಯಜಮಾನ ಪುಣ್ಯವಂತ ಎಂದುಕೊಂಡೆ, ಆಮೇಲೆ ಅವನು ಸತ್ತಿದ್ದಾನೆಂದು ನೆನಪಾಗಿ ಶಿಲುಬೆ ಗುರುತು ಹಾಕಿಕೊಂಡೆ.

ಕೊರತೆ ಇದ್ದದ್ದು ಒಂದು ಹೆಣದ್ದು ಮಾತ್ರ. ಹತ್ತಿರದ ನೆಂಟರು ಪ್ರಯೋಜನವಿಲ್ಲ, ಅವರು ಕಣ್ಣೆದುರಿಗೇ ಓಡಾಡುತ್ತಿರುತ್ತಾರೆ. ಕೊನೆಗೆ ನೆನಪಾದವನು ಸಾವೇರಿಯೊ ಚಿಕ್ಕಪ್ಪ, ನನ್ನ ಅಪ್ಪನ ಕಡೆಯ ತಮ್ಮ. ಇಪ್ಪತ್ತನೆಯ ವಯಸ್ಸಿಗೆ ಅರ್ಜೆಂಟೀನಕ್ಕೆ ಹಡಗು ಹತ್ತಿದವನು. ನನಗೆ ಅವನ ಕೊನೆಯ ಕಾಗದ ಬಂದು ಇಪ್ಪತ್ತೆರಡು ವರ್ಷವಾಗಿತ್ತು. ಬದುಕಿದ್ದರೆ ತೊಂಬತ್ತೊಂದು. ಆ ವಯಸ್ಸಿನವನು ಎಲ್ಲಿಯೋ ಸತ್ತೇ ಇರುತ್ತಾನೆ, ನಾನು ಅದನ್ನು ಅಧಿಕೃತವಾಗಿ ಪ್ರಕಟಿಸುತ್ತೇನೆ ಅಷ್ಟೆ ಎಂದು ಮನಸ್ಸಿಗೆ ಸಮಾಧಾನ ಹೇಳಿದೆ. ಮೂವತ್ತೈದು ವರ್ಷ ಊರಿನ ಸಾವಿನ ಸುದ್ದಿಗಳನ್ನೆಲ್ಲ ನಾನೇ ಮನೆಮನೆಗೆ ಮುಟ್ಟಿಸಿದವನು. ನನ್ನ ಕೈಯಿಂದ ಬಂದ ಸಾವನ್ನು ಈವರೆಗೆ ಯಾರೂ ಸುಳ್ಳೆಂದಿರಲಿಲ್ಲ.

ಮರುದಿನ ಮಧ್ಯಾಹ್ನ ಆ ಹಳೆಯ ನೀಲಿ ಲಕೋಟೆಯನ್ನು ಹಿಡಿದು, ತಲೆ ತಗ್ಗಿಸಿ ಅಡುಗೆಮನೆಗೆ ಹೋದೆ.

"ಸೆರಾಫಿನ, ಕೂತ್ಕೋ. ಸಾವೇರಿಯೊ ಚಿಕ್ಕಪ್ಪ ಹೋಗಿಬಿಟ್ಟ."

ಅವಳು ಕೈಯಲ್ಲಿದ್ದ ಸೌಟನ್ನು ಕೆಳಗಿಟ್ಟಳು. ನನ್ನ ಮುಖ ನೋಡಿದಳು, ಲಕೋಟೆ ನೋಡಿದಳು.

"ಯಾವಾಗ?"

"ಹೋದ ತಿಂಗಳು. ನಿದ್ದೆಯಲ್ಲೇ ಅಂತೆ. ನರಳಲಿಲ್ಲವಂತೆ."

"ನರಳಲಿಲ್ಲವಾ, ಪಾಪ," ಎಂದವಳೇ ಏಪ್ರನ್ನಿನಿಂದ ಮುಖ ಮುಚ್ಚಿಕೊಂಡಳು. ಅವಳ ಭುಜಗಳು ಎಷ್ಟೋ ಹೊತ್ತು ಅದುರುತ್ತಿದ್ದವು. ಕಂಡೇ ಇರದ ಮಾವನಿಗಾಗಿ ಇಷ್ಟು ಅಳುವ ಹೆಂಗಸು ಎಲ್ಲಿ ಸಿಗುತ್ತಾಳೆ? ನನಗೇ ಕಣ್ಣು ತೇವವಾಯಿತು. "ಹಬ್ಬಕ್ಕೆ ಎಣ್ಣೆ ಇಡೋ ಹಾಗಿಲ್ಲ, ಅದೊಂದೇ ಬೇಜಾರು," ಎಂದು ಮೆಲ್ಲಗೆ ಸೇರಿಸಿದೆ.

"ಇಡೋ ಹಾಗೇ ಇಲ್ಲ," ಎಂದು ಅವಳು ಕಣ್ಣೊರೆಸಿಕೊಂಡಳು. "ಮಾಡೋದಾದ್ರೆ ಸೂತಕ ಸರಿಯಾಗೇ ಮಾಡೋಣ. ನಿಮ್ಮಪ್ಪನ ರಕ್ತ ಹಂಚ್ಕೊಂಡವನು."

ಸರಿಯಾಗಿ ಮಾಡುವುದು ಎಂದರೆ ಏನೆಂದು ನಾನು ಮೊದಲೇ ಕೇಳಬೇಕಿತ್ತು. ಸಂಜೆಯೊಳಗೆ ಟೀವಿಯ ಮೇಲೆ ಕಪ್ಪು ಬಟ್ಟೆ ಬಿತ್ತು, ಭಾನುವಾರದ ಫುಟ್‌ಬಾಲ್ ಅದರ ಹಿಂದೆ ಸಮಾಧಿಯಾಯಿತು. ಗಡ್ಡ ಹೆರೆಯುವಂತಿಲ್ಲ. ಚೌಕದ ಕಾಫಿ ಅಂಗಡಿಯಲ್ಲಿ ಇಸ್ಪೀಟು ಆಡುವಂತಿಲ್ಲ. ನನ್ನ ಜೊತೆಯ ಆಟಗಾರರು ದೂರದಿಂದಲೇ ಟೋಪಿ ತೆಗೆದು ಸಂತಾಪ ಸೂಚಿಸಿ, ನನ್ನ ಜಾಗದಲ್ಲಿ ಔಷಧಿ ಅಂಗಡಿಯವನನ್ನು ಕೂರಿಸಿಕೊಂಡರು. ಕ್ರಿಸ್‌ಮಸ್ಸಿಗೆ ಬೆಟ್ಟದಿಂದ ಇಳಿದು ಮನೆಮನೆಯ ಮುಂದೆ ಚೀಲವಾದ್ಯ ಊದುವ ಕುರಿಗಾಹಿಗಳು ನಮ್ಮ ಬಾಗಿಲಿನ ಕಪ್ಪು ಪಟ್ಟಿ ನೋಡಿ ವಾದ್ಯ ಕಂಕುಳಿಗೆ ಸೇರಿಸಿ ಸದ್ದಿಲ್ಲದೆ ಮುಂದೆ ಹೋದರು.

ಇದೆಲ್ಲ ಹೋಗಲಿ, ಜಪಸರ. ಸತ್ತವನ ಆತ್ಮಶಾಂತಿಗೆ ಒಂಬತ್ತು ಸಂಜೆ ಓಣಿಯ ಹೆಂಗಸರೆಲ್ಲ ನಮ್ಮ ಮನೆಯಲ್ಲಿ ಸೇರಿದರು. ಮುಂದಾಳುತನ ಎದುರು ಮನೆಯ ರಾಕೇಲೆಯದು. ಅವಳು ಒಂದು ಮಣಿ ಬಿಡುವಷ್ಟರಲ್ಲಿ ಬೇರೆಯವರು ಮೂರು ಬಿಡಬಹುದು.

"ಕುಂಪಾರಿ ಕಾತಾಲ್ಡೊ, ನೀವು ಹತ್ತಿರದವರು, ಮಂಡಿಯೂರಬೇಕು," ಅಂದಳು ಮೊದಲ ದಿನ. (ನಮ್ಮಲ್ಲಿ ನೆರೆಯ ಗಂಡಸು ಕುಂಪಾರಿ, ಹೆಂಗಸು ಕುಮ್ಮಾರಿ.)

"ಮಂಡಿ ನೋವು, ಕುಮ್ಮಾರಿ."

"ಚಿಕ್ಕಪ್ಪನಿಗಿಂತ ಮಂಡಿ ಹೆಚ್ಚಾ?"

ಮಂಡಿಯೂರಿದೆ. ಜಪಸರದ ಮಣಿಯನ್ನು ಯಾವ ಬೆರಳಿನಿಂದ ಸರಿಸಬೇಕೆಂದು ನಿಮಗೆ ಗೊತ್ತೇ ಇದೆ. ಒಂಬತ್ತು ಸಂಜೆ, ದಿನಕ್ಕೆ ಮೂರು ಸುತ್ತು. ಬುಟ್ಟಿಯಿಂದ ತಪ್ಪಿಸಿಕೊಂಡ ನನ್ನ ಹೆಬ್ಬೆರಳು ಬಂದು ಬಿದ್ದದ್ದು ಮಣಿಗಳ ಬಾಯಿಗೆ. ಆ ಹೆಂಗಸರಾದರೂ ಎಂಥ ಭಾವಜೀವಿಗಳು. ಚಿಕ್ಕಪ್ಪನ ಹೆಸರು ಬಂದಾಗಲೆಲ್ಲ ಕರವಸ್ತ್ರಗಳು ಮುಖಕ್ಕೆ ಹೋಗುತ್ತಿದ್ದವು, ಭುಜಗಳು ಅದುರುತ್ತಿದ್ದವು.

ಆದರೆ ತಟ್ಟೆಗಳು ಬರತೊಡಗಿದ ಮೇಲೆ ಎಲ್ಲವನ್ನೂ ಮರೆತೆ. ಮೊದಲ ದಿನ ನಾಲ್ಕು, ಮರುದಿನ ಏಳು. ಗೋಪುರದ ಹಾಗೆ ಪೇರಿಸಿದ ತುರ್ದಿಲ್ಲಿ, ಮೇಲೆ ಹೊಳೆಯುವ ಜೇನು, ಕೆಲವದರಲ್ಲಿ ಕಿತ್ತಳೆ ಸಿಪ್ಪೆಯ ಘಮ. ಒಟ್ಟು ಮೂವತ್ತೊಂದು ತಟ್ಟೆ ಬಂದವು. ಹಿಂದೆ ಊರಿನ ಮೇಯರ್ ತೀರಿಕೊಂಡಾಗಲೂ ಅವರ ಮನೆಗೆ ಹೋದದ್ದು ಹನ್ನೆರಡೇ ತಟ್ಟೆ. ನಮ್ಮ ಮನೆತನದ ಮೇಲೆ ಊರಿಗೆ ಇಷ್ಟು ಗೌರವವಿದೆಯೆಂದು ನನಗೆ ಗೊತ್ತಿರಲಿಲ್ಲ. ಹೆಬ್ಬೆರಳನ್ನು ಹೊಟ್ಟೆಯ ಮೇಲಿಟ್ಟು ತಿಂದೆ. ರಾಕೇಲೆಯದು ಮಾತ್ರ ಕಲ್ಲು. ಅದರಲ್ಲಿ ಒಂದು ದವಡೆ ಹಲ್ಲು ಅಲುಗಾಡಿತು. ಸೆರಾಫಿನ ಕಿಟಕಿಯ ಪಕ್ಕ ಕುರ್ಚಿ ಹಾಕಿಕೊಂಡು ಒಂದೊಂದು ತಟ್ಟೆಯಿಂದ ಒಂದೊಂದು ತೆಗೆದು, "ಇವಳು ಲವಂಗ ಹಾಕಿದಾಳೆ, ಇವಳ ಎಣ್ಣೆ ಕಾದಿರಲಿಲ್ಲ," ಎಂದು ತೀರ್ಪು ಕೊಡುತ್ತ ಕೂತಿರುತ್ತಿದ್ದಳು. ಇಬ್ಬರೂ ದುಃಖದಲ್ಲಿ ದಪ್ಪಗಾದೆವು.

ಮಾರ್ಚ್ ಬಂತು. ಸಂತ ಜೋಸೆಫರ ಹಬ್ಬಕ್ಕೆ ಇನ್ನು ನಾಲ್ಕು ದಿನವಿತ್ತು. ಆ ಹಬ್ಬಕ್ಕೂ ನಮ್ಮಲ್ಲಿ ಎಣ್ಣೆ ಕಾಯುತ್ತದೆ. ಬೆಳಿಗ್ಗೆ ಎದ್ದು ಬಂದರೆ ಊಟದ ಮೇಜಿನ ಮೇಲೆ, ಕುರ್ಚಿಗಳ ಮೇಲೆ, ಟೀವಿಯ ಮೇಲೆ ಬರಿಯ ತಟ್ಟೆಗಳು. ಒಂದೊಂದರ ತಳದಲ್ಲೂ ಉಗುರುಬಣ್ಣದಲ್ಲಿ ಆಯಾ ಮನೆಯ ಗುರುತು. ಬಾಗಿಲ ಬಳಿ ಹಿಟ್ಟಿನ ದೊಡ್ಡ ಚೀಲ.

"ಇದೇನೇ?"

"ಕಡಲಾಚೆ ಸತ್ತ ಚಿಕ್ಕಪ್ಪನಿಗೆ ಮೂರು ತಿಂಗಳ ಸೂತಕ. ಮುಗೀತು. ತಟ್ಟೆ ವಾಪಸ್ ಕೊಡ್ಬೇಕಲ್ಲ."

"ಕೊಡು. ಯಾರು ಬೇಡ ಅಂದ್ರು?"

"ಬರೀ ತಟ್ಟೇನಾ?" ಎಂದು ಅವಳು ನನ್ನನ್ನು ಅಂಚೆಚೀಟಿ ಹಚ್ಚದ ಕಾಗದದ ಹಾಗೆ ನೋಡಿದಳು. "ಸೂತಕದಲ್ಲಿ ಬಂದ ತಟ್ಟೆ ಬರಿದಾಗಿ ಹೋಗ್ಬಾರ್ದು. ಬಂದದ್ದಕ್ಕಿಂತ ಒಂದು ಬೆರಳು ಎತ್ತರ ಇರ್ಬೇಕು. ನಿಮ್ಮಪ್ಪ ಹೋದಾಗ ನಿಮ್ಮಮ್ಮ ಮಾಡ್ಲಿಲ್ವಾ?"

ಮಾಡಿರಬಹುದು. ಹೆಂಗಸರ ವ್ಯವಹಾರವೆಂದು ನಾನು ಆಗ ಕಾಗದದ ಚೀಲ ಹೊತ್ತು ಹೊರಗೆ ಹೋಗಿದ್ದೆ. ಹತ್ತು ಕಿಲೊಗೆ ಹೆದರಿ ಒಬ್ಬ ಮನುಷ್ಯನನ್ನು ಕೊಂದಿದ್ದೆ, ಈಗ ಕಣ್ಣೆದುರಿಗೆ ಇಪ್ಪತ್ತೈದು ಕಿಲೊ ಚೀಲ ನಿಂತಿತ್ತು. ಮಾಡಿದ್ದುಣ್ಣೋ ಮಹಾರಾಯ.

"ಎಣ್ಣೆ ಮುಂದೆ ನೀನು ನಿಲ್ತೀಯಲ್ಲ?" ಎಂದು ದೈನ್ಯದಿಂದ ಕೇಳಿದೆ.

"ಇಲ್ಲ. ಚಿಕ್ಕಪ್ಪ ನಿನ್ನವನು."

ಮೂರು ದಿನ. ಕಲಸಿದೆ, ಹೊಸೆದೆ, ಒತ್ತಿದೆ, ಕರಿದೆ, ಜೇನಿನಲ್ಲಿ ಹೊರಳಿಸಿದೆ. ಹೆಬ್ಬೆರಳು ಬದನೆಕಾಯಿಯ ಬಣ್ಣಕ್ಕೆ ತಿರುಗಿತು. ಸೆರಾಫಿನ ಕಿಟಕಿಯ ಪಕ್ಕದ ಅದೇ ಕುರ್ಚಿಯಲ್ಲಿ ಕೂತು, "ಗೀರು ಆಳ ಇಲ್ಲ, ಮತ್ತೆ ಒತ್ತು," ಅನ್ನುತ್ತಿದ್ದಳು. ಮೂರನೆಯ ದಿನ, ಮೂವತ್ತನೆಯ ತಟ್ಟೆ ತುಂಬುತ್ತಿದ್ದಾಗ, ಫೋನು ಬಡಿದುಕೊಂಡಿತು. ಅವಳೇ ಎತ್ತಿದಳು.

"ಹಲೋ... ಹಾಂ ಚಿಕ್ಕಪ್ಪ, ಹೇಳಿ... ಒತ್ತಾ ಇದಾನೆ, ಇನ್ನೊಂದು ತಟ್ಟೆ ಉಳಿದಿದೆ... ಬೆರಳಾ? ನೇರಳೆ ಆಗಿದೆ... ಹೇಳ್ತೀನಿ, ಹೇಳ್ತೀನಿ. ಮೈ ಹುಷಾರು."

"ಯಾವ ಚಿಕ್ಕಪ್ಪ?" ಎಂದೆ.

"ನಿನಗಿರೋದೇ ಒಬ್ಬ. ಸತ್ತನಲ್ಲ, ಅವನೇ."

"ಅವನು... ಬದುಕಿದಾನಾ?"

"ವರ್ಷಕ್ಕೆ ನಾಲ್ಕು ಸಲ ಫೋನ್ ಮಾಡ್ತಾನೆ. ನೀನು ಇಸ್ಪೀಟಿಗೆ ಹೋಗಿರೋ ಹೊತ್ತಲ್ಲೇ ಮಾಡ್ತಾನೆ, ನಿನ್ನ ಹತ್ರ ಮಾತಾಡಿದ್ರೆ ಹೆಬ್ಬೆರಳಿನ ಪುರಾಣ ಶುರು ಮಾಡ್ತೀಯಂತೆ. ನೀನು ಲಕೋಟೆ ಹಿಡ್ಕೊಂಡು ಬಂದ್ಯಲ್ಲ, ಅವತ್ತು ಬೆಳಿಗ್ಗೆ ತಾನೇ ಮಾತಾಡಿದ್ದೆ. ಮೊಲದ ಸಾರು ಮಾಡ್ತಿದೀನಿ ಅಂತಿದ್ದ."

"ನನಗ್ಯಾಕೆ ಹೇಳ್ಲಿಲ್ಲ?"

"ಹತ್ತು ವರ್ಷದಿಂದ ಹೇಳ್ತಿದೀನಿ. ಪ್ರತಿ ಸಲ 'ಹೂಂ' ಅಂದಿದೀಯ."

ನಾನು ಹಿಟ್ಟಿನ ಕೈಯಲ್ಲೇ ಕಿಟಕಿಯಿಂದ ಎದುರು ಮನೆ ನೋಡಿದೆ. "ರಾಕೇಲೆಗೆ ಗೊತ್ತಾ?"

"ಅವಳಿಗೆ ಅವತ್ತೇ ಹೇಳ್ದೆ. ಅವಳು ಓಣಿಯ ಹೆಂಗಸರಿಗೆಲ್ಲ ಹೇಳಿದ್ಲು, ಗಂಡಸರಿಗಲ್ಲ. ಅದಕ್ಕೇ ಮೂವತ್ತೊಂದು ತಟ್ಟೆ ಬಂದಿದ್ದು, ವಾಪಸ್ ನೀನೇ ತುಂಬಿ ಕೊಡ್ಬೇಕಲ್ಲ. ನಿಜವಾಗಿ ಸತ್ತಿದ್ರೆ ಎಂಟು ಬರ್ತಿತ್ತು."

ನಾನು ಚಾಪೆಯ ಕೆಳಗೆ ತೂರಿದರೆ ಇವಳು ರಂಗೋಲಿಯ ಕೆಳಗೇ ತೂರಿದ್ದಳು. ಆ ಏಪ್ರನ್ನು, ಆ ಕರವಸ್ತ್ರಗಳು, ಆ ಅದುರುವ ಭುಜಗಳು ಎಲ್ಲ ಒಟ್ಟಿಗೆ ನೆನಪಿಗೆ ಬಂದವು. ಸಿಟ್ಟು ನೆತ್ತಿಗೇರಿತು.

"ಒಂಬತ್ತು ಸಂಜೆ ನನ್ನ ಮಂಡಿ ಸವೆಸಿದ್ರಲ್ಲೇ!"

"ಬದುಕಿರೋರಿಗೂ ಪ್ರಾರ್ಥನೆ ಬೇಕು. ನೋಡು, ಅವನ ಕೆಮ್ಮು ಹೋಯ್ತಂತೆ." ಅವಳು ಕಿಟಕಿಯ ಕಡೆ ತಿರುಗಿದಳು. "ಬೈಬೇಕು ಅಂತಲೇ ಇದ್ದೆ ಕಾತಾಲ್ಡೊ. ಆದ್ರೆ ನಲವತ್ತೊಂದು ವರ್ಷದಲ್ಲಿ ಎಣ್ಣೆ ಹೊಗೆ ಕುಡೀದೆ ಕಳೆದ ಕ್ರಿಸ್‌ಮಸ್ ಇದೊಂದೇ. ಬೇರೆಯವರು ಮಾಡಿದ್ದನ್ನ ಕೂತ್ಕೊಂಡು ತಿಂದೆ. ಮೊದಲ ತಟ್ಟೆ ಬಂದಾಗ ನಂಗೆ ನಿಜವಾಗ್ಲೂ ಅಳು ಬಂತು. ಅದಕ್ಕೇ ಬಾಯಿ ಮುಚ್ಕೊಂಡೆ."

ನನ್ನ ಸಿಟ್ಟು ಇಳಿಯಿತು. ಹೆಬ್ಬೆರಳಿನ ಗೋಳನ್ನು ಊರಿಗೆಲ್ಲ ಹಂಚಿದವನು ನಾನು. ಮುಂಗೈ ತುಂಬ ಎಣ್ಣೆ ಸಿಡಿದ ಕಲೆಗಳಿದ್ದರೂ ಅವಳು ಅವುಗಳ ಬಗ್ಗೆ ಎಂದೂ ಮಾತೆತ್ತಿರಲಿಲ್ಲ. ಎತ್ತಿದ್ದರೂ ನಾನು "ಹೂಂ" ಅಂದಿರುತ್ತಿದ್ದೆ. ನಾಚಿಕೆಯಾಯಿತು. ಮೂವತ್ತೊಂದನೆಯ ತಟ್ಟೆಯನ್ನು ತುಂಬಿದೆ, ಎರಡು ಬೆರಳು ಎತ್ತರ.

"ಮುಗೀತು," ಎಂದು ಬುಟ್ಟಿ ಕೈಗೆತ್ತಿಕೊಂಡೆ.

"ಬುಟ್ಟಿ ಎತ್ತಿಡ್ಬೇಡ. ಚಿಕ್ಕಪ್ಪ ಈಸ್ಟರ್‌ಗೆ ಬರ್ತಾನಂತೆ. ಟಿಕೆಟ್ ಆಗಿದೆ."

"ಇಲ್ಲಿಗಾ? ಕಾಫಿ ಅಂಗಡಿಯವರಿಗೆ ನಾನೇನು ಹೇಳ್ಲಿ? ಗಂಡಸರೆಲ್ಲ ನನಗೆ ಟೋಪಿ ತೆಗೆದಿದಾರೆ ಕಣೇ."

"ಅದು ನಿನ್ನ ಕಷ್ಟ. ಈಸ್ಟರ್ ಅಲ್ವಾ, ಸತ್ತೋರು ಎದ್ದು ಬರೋ ಹಬ್ಬ. ಹೇಳಿ ನೋಡು, ನಂಬಿದ್ರೂ ನಂಬ್ತಾರೆ." ಅವಳು ಕಪಾಟಿನಿಂದ ಎಲ್ಲಕ್ಕಿಂತ ದೊಡ್ಡ ತಟ್ಟೆ ತೆಗೆದು ನನ್ನ ಮುಂದಿಟ್ಟಳು. "ಇದು ಅವನದು. ತನ್ನ ಸೂತಕದ ತುರ್ದಿಲ್ಲಿ ತಾನೂ ಒಂದು ತಟ್ಟೆ ತಿನ್ಬೇಕಂತೆ. ಹಲ್ಲಿಲ್ಲ ಅವನಿಗೆ, ಮೆತ್ತಗೆ ಒತ್ತು."