ಗೌರಮ್ಮನ ತೆಂಗಿನ ಸಸಿಯೂ ನನ್ನ ಯಂತ್ರವೂ

ತಪ್ಪು ಮಾಡಲು ಯಾರಿಗೂ ತರಬೇತಿ ಬೇಕಾಗಿಲ್ಲ. ಆದರೆ ತಪ್ಪನ್ನು ಮೀಟರ್ ಲೆಕ್ಕದಲ್ಲಿ, ನಾಲ್ಕು ಜನರ ಎದುರಿಗೆ ಮಾಡಬೇಕಾದರೆ ಸ್ವಲ್ಪ ಓದಿರಬೇಕು. ನಾನು ಓದಿದ್ದೆ. ಎಂಬತ್ತರ ದಶಕ ಮುಗಿಯುತ್ತ ಬಂದಾಗ ಕಡೂರಿನಿಂದ ತರೀಕೆರೆಯ ಕಡೆಗೆ ರಸ್ತೆ ಬದಿಯಲ್ಲಿ ಗಾಜಿನ ಎಳೆಯ ಟೆಲಿಫೋನ್ ಕೇಬಲ್ ಹೂತಿದ್ದರು. ಅದನ್ನು ಪರೀಕ್ಷಿಸುವ ಯಂತ್ರದ ಹೆಸರು ಓ.ಟಿ.ಡಿ.ಆರ್. ಒಂದು ತುದಿಯಿಂದ ಬೆಳಕು ಬಿಟ್ಟರೆ, ಎಳೆ ಮುರಿದ ಕಡೆಯಿಂದ ಸ್ವಲ್ಪ ಬೆಳಕು ವಾಪಸು ಬರುತ್ತದೆ. ಬರಲು ಹಿಡಿದ ಹೊತ್ತನ್ನು ನೋಡಿ ಯಂತ್ರ ದೂರ ಹೇಳುತ್ತದೆ. ತರಬೇತಿ ಮುಗಿಸಿ ಬಂದಿದ್ದ ನಾನು ಆ ಪೆಟ್ಟಿಗೆಯನ್ನು ಜೀಪಿನಲ್ಲಿ ತೊಡೆಯ ಮೇಲೇ ಇಟ್ಟುಕೊಂಡು ಓಡಾಡುತ್ತಿದ್ದೆ. "ಮದುವೆಯಾಗಿ ಬಂದಾಗ ನನ್ನ ಟ್ರಂಕನ್ನ ಮಾತ್ರ ಬಸ್ಸಿನ ಟಾಪಿಗೆ ಹಾಕಿಸಿದ್ರಿ" ಎಂದು ಹೆಂಡತಿ ಒಮ್ಮೆ ನೆನಪಿಸಿದಳು.

ಒಂದು ಬೆಳಿಗ್ಗೆ ನಾನು ಹೊರಗಿನ ಕೆಲಸ ಮುಗಿಸಿ ಕಡೂರಿನ ಕಚೇರಿಗೆ ಬರುವಷ್ಟರಲ್ಲಿ ಲೈನು ಸತ್ತಿತ್ತು. ಯಂತ್ರ ಹಚ್ಚಿ ನೋಡಿದೆ: ಆರು ಕಿಲೋಮೀಟರ್ ಮುನ್ನೂರು ಮೀಟರ್. ಜೀಪಿನಲ್ಲಿ ಅಳೆದುಕೊಂಡು ಹೋದರೆ, ಸರಿಯಾಗಿ ಆ ಜಾಗದಲ್ಲಿ, ಗೌರಮ್ಮ ಎಂಬ ಹೆಂಗಸಿನ ಹೊಲದ ಬದುವಿನ ಮೇಲೆ, ಹೊಸದಾಗಿ ನೆಟ್ಟ ಎರಡು ತೆಂಗಿನ ಸಸಿ ನಿಂತಿದ್ದವು. ಕಳ್ಳ ಸಿಕ್ಕಿಬಿದ್ದಷ್ಟು ಖುಷಿಯಾಯಿತು ನನಗೆ.

"ಕೇಬಲ್ ಕಡಿದು ಹಾಕಿದ್ದೀರಿ. ಸರ್ಕಾರದ ಸ್ವತ್ತು, ಪೊಲೀಸಿಗೆ ಬರೀಬೇಕಾಗ್ತದೆ" ಎಂದೆ.

ಅರವತ್ತು ದಾಟಿದ ಆಕೆ ಸೆರಗಿನಲ್ಲಿ ಕೈ ಒರೆಸಿಕೊಂಡಳು. "ಮೊಣಕಾಲುದ್ದ ಗುಂಡಿ ತೆಗ್ದಿದ್ದು ಕಣಪ್ಪ. ನಿಮ್ ವೈರು ಇಲ್ಲಿ ಆಳುದ್ದ ಐತಲ್ಲ, ಹೂಳೋವಾಗ ನಾನೇ ನೋಡೀನಿ."

"ಯಂತ್ರ ಸುಳ್ಳು ಹೇಳಲ್ಲಮ್ಮ" ಎಂದು, ಸಸಿಗಳನ್ನು ಕೀಳಿಸಿ ಅಗೆಸತೊಡಗಿದೆ. ಮಧ್ಯಾಹ್ನ ಮೂರು ಗಂಟೆಗೆ ಕೇಬಲ್ ಸಿಕ್ಕಿತು. ಒಂದು ಗೀರೂ ಇಲ್ಲದೆ ಸುಖವಾಗಿ ಮಲಗಿತ್ತು. ಗೌರಮ್ಮ ಕೂಲಿಯವರಿಗೆ ಮಜ್ಜಿಗೆ ತಂದಳು. ನನಗೂ ಕೊಟ್ಟಳು. ಕುಡಿದೆ.

ಆಗ ನಮ್ಮ ಹಳೆಯ ಲೈನ್‌ಮನ್ ಸಿದ್ದಪ್ಪ ಮೆಲ್ಲಗೆ ಕೇಳಿದ: "ಸಾರ್, ಜಾಯಿಂಟ್ ಗುಂಡಿಗಳಲ್ಲಿ ಸುತ್ತಿಟ್ಟಿರೋ ಕೇಬಲ್ನ ಲೆಕ್ಕದಲ್ಲಿ ಕಳೆದ್ರಾ?"

ಕಳೆದಿರಲಿಲ್ಲ. ಮುಂದೆ ಬೇಕಾದೀತೆಂದು ಜೋಡಣೆಯ ಗುಂಡಿಗಳಲ್ಲಿ ಒಂದಷ್ಟು ಕೇಬಲನ್ನು ಸುರುಳಿ ಸುತ್ತಿ ಇಟ್ಟಿರುತ್ತಾರೆ. ಬೆಳಕು ಆ ಸುರುಳಿಯನ್ನೆಲ್ಲ ಸುತ್ತಿ ಬರುತ್ತದೆ. ಜೀಪು ನೆಟ್ಟಗೆ ಹೋಗುತ್ತದೆ. ಅಷ್ಟನ್ನು ಕಳೆದು ಕಡೂರಿನ ಕಡೆಗೆ ಹಿಂದಕ್ಕೆ ನಡೆದೆವು. ಅಲ್ಲಿ ಒಂದು ಕಲ್ಲು ನಿಂತಿತ್ತು. "ಕೆಳಗೆ ಕೇಬಲ್ ಇದೆ, ಅಗೆಯಬೇಡಿ" ಎಂದು ಬರೆದ ಹೊಸ ಕಲ್ಲು. ಅಂದು ಬೆಳಿಗ್ಗೆ, "ಇನ್ನೂ ಆಳಕ್ಕೆ ಹಾರೆ ಹಾಕ್ರಪ್ಪ, ಕಲ್ಲು ಅಲ್ಲಾಡಬಾರದು" ಎಂದು ಎದುರಿಗೆ ನಿಂತು ಅದನ್ನು ನೆಡಿಸಿದವನು ನಾನೇ. ಬಂಡೆ ಅಡ್ಡ ಬಂದಿದ್ದರಿಂದ ಅಲ್ಲಿ ಕೇಬಲ್ ಮೇಲಕ್ಕೇ ಇತ್ತು. ಹಾರೆಯ ಏಟು ನೇರ ಅದಕ್ಕೇ ಬಿದ್ದಿತ್ತು. ಸಿದ್ದಪ್ಪ ಕಲ್ಲನ್ನೇ ನೋಡುತ್ತ ನಿಂತ, ನನ್ನ ಮುಖ ನೋಡಲಿಲ್ಲ. ನೋಡಿ ನಕ್ಕಿದ್ದರೆ ಚೆನ್ನಾಗಿತ್ತು.

ಮಾರನೆಯ ದಿನ ಕಡೂರಿನಲ್ಲಿ ಎರಡು ಒಳ್ಳೆಯ ಸಸಿ ಕೊಂಡು ಹೊರಟೆ. "ತಪ್ಪು ನನ್ನದಮ್ಮ" ಎಂಬ ಎರಡೇ ಪದವನ್ನು ದಾರಿಯುದ್ದಕ್ಕೂ ಉರು ಹೊಡೆದೆ. ಗೌರಮ್ಮನ ಎದುರಿಗೆ ನಿಂತಾಗ ಬಾಯಿಂದ ಬಂದದ್ದು, "ಕಚೇರಿಯಿಂದ ಕಳಿಸಿದ್ದಾರೆ."

ಆಕೆ ಸಸಿಗಳನ್ನು ತಿರುಗಿಸಿ ನೋಡಿ ಮೆಚ್ಚಿದಳು. "ನಿಮ್ ಆಫೀಸ್ನೋರು ಒಳ್ಳೇ ಜನ ಕಣಪ್ಪ. ನೀನು ದುಡುಕಿ ಅಂಥೋರ ಹೆಸರು ಕೆಡಿಸಬ್ಯಾಡ."

"ಇಲ್ಲಮ್ಮ" ಎಂದೆ.