ಕನೆಲಾ ಎಕ್ಸ್‌ಪ್ರೆಸ್ ತಂಡದ ಏಕೈಕ ಖಾಯಂ ಸದಸ್ಯರಾದ ಟೇಪ್ ರೆಕಾರ್ಡರ್ ಅವರ ಸನ್ನಿಧಿಗೆ

ಮಾನ್ಯರೇ,

ಸವಿನಯ ವಂದನೆಗಳು. ಕಳೆದ ಶನಿವಾರ ಮಧ್ಯಾಹ್ನ ಆರ್ಚರ್ಡ್ ಬೀಚಿನ ವೇದಿಕೆಯ ಮೇಲೆ, ನಾಲ್ಕು ಸಾವಿರ ಜನರ ಕಣ್ಣೆದುರಿಗೆ, ತಮಗೆ ಒದಗಿದ ಹಠಾತ್ ಅಸ್ವಸ್ಥತೆಯಿಂದ ತಾವು ಚೇತರಿಸಿಕೊಂಡಿದ್ದೀರೆಂದೂ, ತಮ್ಮ ಎರಡೂ ಚಕ್ರಗಳು ಮತ್ತೆ ಸುಸೂತ್ರವಾಗಿ ತಿರುಗುತ್ತಿವೆಯೆಂದೂ, ತಮ್ಮ ಪೋಷಕರೂ ತಂಡದ ಯಜಮಾನರೂ ಆದ ಎಫ್ರಾಯಿನ್ ಮಾತೋಸ್ ಅವರು ಹೇರ್ ಡ್ರೈಯರ್ ಹಿಡಿದು ತಮ್ಮ ಒಳಾಂಗಗಳನ್ನು ಒಣಗಿಸುವ ಶುಶ್ರೂಷೆಯಲ್ಲಿ ಊಟ ತಿಂಡಿಯನ್ನೂ ಮರೆತಿದ್ದಾರೆಂದೂ ಕೇಳಿ ಸಮಾಧಾನವಾಯಿತು. ತಮ್ಮ ಆರೋಗ್ಯ ಸುಧಾರಿಸಿದ ಮೇಲೆಯೇ ದೂರು ಸಲ್ಲಿಸುವುದು ಮರ್ಯಾದೆಯೆಂದು ಸೋಮವಾರದ ತನಕ ಕಾದೆ.

ನನ್ನ ಹೆಸರು ನೆರೈದಾ ಕಿನ್ಯೋನೆಸ್, ವಯಸ್ಸು ಐವತ್ತೇಳು, ಬ್ರಾಂಕ್ಸಿನ ಒಂದು ಪ್ರಾಥಮಿಕ ಶಾಲೆಯ ಮುಂದೆ ಸೀಟಿ ಊದಿ ಮಕ್ಕಳನ್ನು ರಸ್ತೆ ದಾಟಿಸುವುದು ನನ್ನ ಉದ್ಯೋಗ. ತಮಗೆ ಕಣ್ಣಿಲ್ಲದ ಕಾರಣ ನನ್ನ ಮುಖಪರಿಚಯ ಇರಲಾರದು. ಆದರೆ ನನ್ನ ದನಿಯನ್ನು ಮೂವತ್ತೆಂಟು ವರ್ಷಗಳಿಂದ ತಾವು ತಮ್ಮ ಸುರುಳಿಯಲ್ಲಿಟ್ಟುಕೊಂಡು ಊರೂರು ಸುತ್ತುತ್ತಿದ್ದೀರಿ. ಸಾವಿರದ ಒಂಬೈನೂರ ಎಂಬತ್ತೇಳನೆಯ ಇಸವಿಯಲ್ಲಿ, ಎಫ್ರಾಯಿನ್‌ನ ಚಿಕ್ಕಮ್ಮ, ಅಂದರೆ ನಮ್ಮ ಕಡೆಯ ಮಾತಿನಲ್ಲಿ ಟೀಟೀ, ಓಬ್ದುಲಿಯಾ ಅವರ ಮನೆಯ ಬಚ್ಚಲಿನಲ್ಲಿ, ದನಿ ಚೆನ್ನಾಗಿ ಮೊಳಗುತ್ತದೆಂಬ ಕಾರಣಕ್ಕೆ ನನ್ನನ್ನು ಖಾಲಿ ಸ್ನಾನದ ತೊಟ್ಟಿಯೊಳಗೆ ನಿಲ್ಲಿಸಿ, ತಮ್ಮನ್ನು ಕಮೋಡಿನ ಮುಚ್ಚಳದ ಮೇಲೆ ಆಸೀನರನ್ನಾಗಿಸಿ, 'ಕೀಲಿಕೈ ವಾಪಸು ಕೊಡು' ಎಂಬ ಹಾಡನ್ನು ಹಾಡಿಸಲಾಯಿತು. ಕೈಕೊಟ್ಟ ಹುಡುಗನ ಮೇಲಿನ ಗೋಳನ್ನು, ಅಳುವುದಕ್ಕೂ ಪುರುಸೊತ್ತು ಸಿಗದಷ್ಟು ಜೋರಾದ ತಾಳಕ್ಕೆ ಕುಣಿಯುತ್ತ ಹೇಳಿಕೊಳ್ಳುವುದನ್ನೇ ನಮ್ಮ ಕಡೆ ಫ್ರೀಸ್ಟೈಲ್ ಅನ್ನುತ್ತಾರೆ, ಮತ್ತು ಆ ವರ್ಷ ಅದನ್ನು ಹಾಡದ ಹುಡುಗಿ ನಮ್ಮ ಬೀದಿಯಲ್ಲಿ ಇರಲಿಲ್ಲ.

ಎರಡನೆಯ ಚರಣದ ಕೊನೆಯಲ್ಲಿ, ಟೀಟೀ ಓಬ್ದುಲಿಯಾ ಅವರ ಟಾಲ್ಕಂ ಪೌಡರಿನ ಡಬ್ಬಿ ಕಪಾಟಿನಿಂದ ನನ್ನ ತಲೆಯ ಮೇಲೆ ಬಿದ್ದು ನಾನು ಸೀನಿದ್ದು ತಮಗೆ ನೆನಪಿರಬಹುದು. ಅದನ್ನು ತೆಗೆದು ಇನ್ನೊಮ್ಮೆ ಹಾಡುತ್ತೇನೆಂದು ನಾನು ಗೋಗರೆದರೂ ಎಫ್ರಾಯಿನ್ ಒಪ್ಪದೆ, ಆ ಒಂದು ಸೀನನ್ನೇ ನಕಲು ಮಾಡಿ ನಾಲ್ಕು ಸಲ ಅಂಟಿಸಿದ. ಹಾಡು ಗೆದ್ದದ್ದು ನನ್ನ ದನಿಯಿಂದಲೋ ನನ್ನ ನೆಗಡಿಯಿಂದಲೋ ಎಂಬುದು ಇಂದಿಗೂ ಇತ್ಯರ್ಥವಾಗಿಲ್ಲ. ಅಂದಿನಿಂದ ತಂಡಕ್ಕೆ ಬಂದ ಪ್ರತಿಯೊಬ್ಬ ಹುಡುಗಿಯೂ ಆ ಜಾಗಕ್ಕೆ ಬಂದಾಗ ಕೈಯೆತ್ತಿ, ತಲೆ ಹಿಂದಕ್ಕೆ ಎಸೆದು, ನಾಲ್ಕು ಸಲ ಅಕ್ಷೀ ಎಂದು ಅಭಿನಯಿಸಲೇಬೇಕು. ಇದನ್ನು ಕಲಿಸಲು ಎಫ್ರಾಯಿನ್ ಮೂರು ವಾರ ತೆಗೆದುಕೊಳ್ಳುತ್ತಾನೆ.

ನಮ್ಮ ಸ್ಪ್ಯಾನಿಷಿನಲ್ಲಿ ಕನೆಲಾ ಎಂದರೆ ದಾಲ್ಚಿನ್ನಿ. ಮೂವರು ಹುಡುಗಿಯರೂ ಆ ಬಣ್ಣದವರಾದ್ದರಿಂದ ತಂಡಕ್ಕೆ ಆ ಹೆಸರು ಬಂತು. ಎಕ್ಸ್‌ಪ್ರೆಸ್ ಎಂದು ಯಾಕೆ ಸೇರಿಸಿದರೆಂಬುದು ಮುಂದೆ ಹತ್ತುವವರ ಇಳಿಯುವವರ ಸಂಖ್ಯೆ ನೋಡಿದ ಮೇಲೆ ತಿಳಿಯಿತು. ಮೊದಲಿಗೆ ನಾವು ಮೂವರಿದ್ದೆವು. ಹಾಡುವವಳು ನಾನು, ನೋಡಲು ಚೆಂದದವಳು ದಾಮಾರಿಸ್ ಲುಗೋ, ಮತ್ತು ಎರಡೂ ಅಲ್ಲದಿದ್ದರೂ ಸ್ವಂತ ಕಾರಿದ್ದ ಐಲೀನ್ ಕೊಲ್ಯಾಸೋ. ರೆಕಾರ್ಡಿನ ರಟ್ಟಿನ ಮೇಲೆ ದಾಮಾರಿಸಳ ಮುಖ ತಟ್ಟೆಯಷ್ಟು ದೊಡ್ಡದಾಗಿ ಅಚ್ಚಾಯಿತು. ಎಡಗಡೆ ಅಂಚಿನಲ್ಲಿ ಕಾಣುವ ಮೊಣಕೈ ನನ್ನದು. ಕ್ಲಬ್ಬಿನಿಂದ ಕ್ಲಬ್ಬಿಗೆ ಹೋಗಿ, ತಮ್ಮನ್ನು ಮೂಲೆಯಲ್ಲಿ ಕೂರಿಸಿ, ತಾವು ಹಾಡುತ್ತಿದ್ದಂತೆ ನಾವು ಬಾಯಿ ಆಡಿಸಿ ಕುಣಿದು ಬರುವುದು ನಮ್ಮ ವೃತ್ತಿಯಾಗಿತ್ತು. ನನ್ನ ಹಾಡಿಗೆ ನಾನೇ ಬಾಯಿ ಆಡಿಸುವಾಗ ಮೊದಮೊದಲು ನಾಚಿಕೆಯಾಗುತ್ತಿತ್ತು, ಆಮೇಲೆ ರೂಢಿಯಾಯಿತು.

ಮರುವರ್ಷ ನಾನು ಬಸುರಿಯಾದೆ. ಆರನೆಯ ತಿಂಗಳಲ್ಲಿ ನನ್ನ ಮಿಣಮಿಣ ಜಾಕೆಟ್ಟಿನ ಗುಂಡಿ ಕಿತ್ತುಬಂದು ಮುಂದಿನ ಸಾಲಿನವರ ಬಿಯರ್ ಲೋಟಕ್ಕೆ ಬಿದ್ದ ದಿನ, ಎಫ್ರಾಯಿನ್ ನನ್ನನ್ನು ವ್ಯಾನಿನ ಹತ್ತಿರ ಕರೆದು, ಬಹಳ ಪ್ರೀತಿಯಿಂದಲೇ ಹೇಳಿದ:

"ನೇರೀ, ಮನೆಗೆ ಹೋಗಿ ರೆಸ್ಟ್ ತಗೋ ತಾಯಿ. ದನಿ ಹೇಗಿದ್ರೂ ಪೆಟ್ಟಿಗೇಲಿದೆ. ಜಾಕೆಟ್ ಮಾತ್ರ ಕೊಟ್ಟು ಹೋಗು."

ಪೆಟ್ಟಿಗೆ ಎಂದು ಅವನು ಹೇಳಿದ್ದು ತಮ್ಮನ್ನೇ. ಜಾಕೆಟ್ಟಿನ ಒಳಗೆ ನೇರಿ ಎಂದು ದಾರದಲ್ಲಿ ಹೊಲಿದಿತ್ತು. ಅಂದಿನಿಂದ ಆ ಜಾಕೆಟ್ ಯಾರ ಮೈಗೆ ಹಿಡಿಸುತ್ತದೋ ಅವರೇ ನೇರಿ, ಅದು ಇಂದಿಗೂ ಜಾರಿಯಲ್ಲಿರುವ ಕಾನೂನು. ನನ್ನ ನಂತರ ಎಂಟು ಮಂದಿ ನೇರಿಗಳು ಆಗಿಹೋದರು. ಅವರಲ್ಲಿ ಒಬ್ಬಳು ಪೆಂಟೆಕೋಸ್ಟಲ್ ಸಭೆ ಸೇರಿ, ಎರಡನೆಯ ಸೀನು ಸೀನಿ ಮೂರನೆಯದಕ್ಕೆ ಮುಂಚೆಯೇ ಪ್ರಭುವಿನ ಕರೆ ಬಂತೆಂದು ವೇದಿಕೆಯಿಂದ ಇಳಿದು ನಡೆದೇಬಿಟ್ಟಳು. ಇನ್ನೊಬ್ಬಳು ಅವಳಿಜವಳಿಯಾಗಿದ್ದು, ಯಾವ ದಿನ ಯಾರು ಬರುತ್ತಿದ್ದರೆಂಬುದು ಎಫ್ರಾಯಿನ್‌ಗೂ ತಿಳಿಯದೆ, ಅವನು ಇಬ್ಬರಿಗೂ ಹುಟ್ಟುಹಬ್ಬದ ಉಡುಗೊರೆ ಕೊಟ್ಟ. ದಾಮಾರಿಸ್ ಒರ್ಲಾಂಡೋಗೆ ಹೋಗಿ ಹಲ್ಲಿನ ಡಾಕ್ಟರ ಹತ್ತಿರ ಕೆಲಸಕ್ಕೆ ಸೇರಿಕೊಂಡಳು. ಐಲೀನ್ ಕಾರು ಮಾರಿದ ವಾರವೇ ಅವಳ ಸ್ಥಾನ ಖಾಲಿಯಾಯಿತು. ಆದರೂ ಪ್ರತಿ ಬೇಸಿಗೆಯಲ್ಲಿ, ಇಪ್ಪತ್ತೆರಡು ದಾಟದ ಮೂರು ಮಕ್ಕಳನ್ನು ಮುಂದೆ ನಿಲ್ಲಿಸಿ, ಎಂಬತ್ತೇಳರ ಮೂಲ ತಂಡ ಇದೇ ಎಂದು ಎಫ್ರಾಯಿನ್ ಮೈಕಿನಲ್ಲಿ ಘೋಷಿಸುತ್ತಾನೆ, ಮತ್ತು ನಮ್ಮ ಜನ ಬಹಳ ಒಳ್ಳೆಯವರಾದ್ದರಿಂದ ಚಪ್ಪಾಳೆ ಹೊಡೆಯುತ್ತಾರೆ.

ಇಷ್ಟೆಲ್ಲ ಬದಲಾವಣೆಗಳ ನಡುವೆ ತಾವೊಬ್ಬರೇ ಅಲುಗಾಡದೆ ಕುಳಿತಿರಲ್ಲ, ಆ ನಿಷ್ಠೆಯನ್ನು ಎಷ್ಟು ಕೊಂಡಾಡಿದರೂ ಸಾಲದು. ತಾವು ಮದುವೆಯಾಗಲಿಲ್ಲ, ತಮಗೆ ಹೊಟ್ಟೆ ಬರಲಿಲ್ಲ, ಬೇರೆ ಹುಡುಗಿಗೆ ನನಗಿಂತ ಜಾಸ್ತಿ ಬೆಳಕು ಬಿಟ್ಟರೆಂದು ತಾವು ಯಾವತ್ತೂ ಮುಖ ಊದಿಸಿಕೊಳ್ಳಲಿಲ್ಲ. ತಮ್ಮ ಜಾಕೆಟ್ ತಮಗೆ ಈಗಲೂ ಹಿಡಿಸುತ್ತದೆ. ಈ ಸದ್ಗುಣಗಳ ರಹಸ್ಯವನ್ನು ಹೆಂಗಸರಿಗಾಗಿ ಒಂದು ಕಿರುಹೊತ್ತಿಗೆಯ ರೂಪದಲ್ಲಿ ಪ್ರಕಟಿಸಬೇಕಾಗಿಯೂ, ಸಾಧ್ಯವಾದರೆ ಒಮ್ಮೆಯಾದರೂ ಹೆರಿಗೆ ರಜೆ ತೆಗೆದುಕೊಂಡು ಅನುಭವ ಹಂಚಿಕೊಳ್ಳಬೇಕಾಗಿಯೂ ಕೋರುತ್ತೇನೆ.

ಇನ್ನು ನನ್ನ ದೂರಿನ ಮುಖ್ಯ ವಿಷಯಕ್ಕೆ ಬರುತ್ತೇನೆ. ಅದು ನನ್ನ ಅಮ್ಮ ದೋಞಾ ಪ್ರೋವಿದೆನ್ಸಿಯಾ ಅವರದ್ದು. ಎಂಬತ್ತೇಳರಲ್ಲಿ ಅಮ್ಮನಿಗೆ ಹೆದರಿ, ಟೈಪಿಂಗ್ ಕ್ಲಾಸಿಗೆ ಹೋಗುತ್ತೇನೆಂದು ಸುಳ್ಳು ಹೇಳಿ ನಾನು ಹಾಡಲು ಹೋಗುತ್ತಿದ್ದೆ. ಅಷ್ಟರಲ್ಲಿ ರೆಕಾರ್ಡು ಮನೆಗೇ ಬಂತು, ಅಮ್ಮ ಅದಕ್ಕೆ ಮರುಳಾದರು. ಇಂದಿಗೂ ಪ್ರತಿ ಶನಿವಾರ ಬೆಳಿಗ್ಗೆ ಅದನ್ನು ಹಾಕಿಕೊಂಡೇ ನೆಲ ಒರೆಸುತ್ತಾರೆ. ಮಗು ಹುಟ್ಟಿದ ಮೇಲೆ ಧೈರ್ಯ ಮಾಡಿ, ಆ ದನಿ ನನ್ನದಮ್ಮ ಎಂದು ಒಪ್ಪಿಕೊಂಡಾಗ, ಅಮ್ಮ ರಟ್ಟಿನ ಮೇಲಿನ ದಾಮಾರಿಸಳನ್ನೂ ನನ್ನನ್ನೂ ಒಂದು ಸಲ ನೋಡಿ, ಟೈಪಿಂಗ್ ಕಲಿತವಳು ಒಂದು ಕಾಗದವನ್ನಾದರೂ ಟೈಪ್ ಮಾಡಿ ತೋರಿಸಿದ್ದರೆ ಇದನ್ನೂ ನಂಬುತ್ತಿದ್ದೆ ಎಂದರು. ಒಮ್ಮೆ ಸುಳ್ಳು ಹೇಳಿದವಳು ನಿಜ ಹೇಳಿದರೆ ಅದು ಇನ್ನೂ ದೊಡ್ಡ ಸುಳ್ಳಾಗುತ್ತದೆ ನೋಡಿ. ಮೂವತ್ತಾರು ವರ್ಷಗಳಿಂದ ಆ ಹುಡುಗಿಯ ಗುಣಗಾನ ನನ್ನ ಕಿವಿಯ ಮೇಲೆ ಬೀಳುತ್ತಲೇ ಇದೆ. ಅವಳ ದನಿಯಲ್ಲಿ ನೋವಿದೆಯಂತೆ, ಅವಳನ್ನು ಹೆತ್ತವರು ಪುಣ್ಯ ಮಾಡಿದ್ದರಂತೆ, ಅವಳಿಂದ ನಾನು ಕಲಿಯುವುದು ಬಹಳ ಇದೆಯಂತೆ.

ಈಗ ಅಮ್ಮನಿಗೆ ಎಂಬತ್ತನಾಲ್ಕು. ಬಲಗಿವಿ ಹೋಗಿ ಎರಡು ವರ್ಷವಾಯಿತು. ಎಡಗಿವಿಯೂ ಈ ಚಳಿಗಾಲ ಕಳೆಯುವ ಹೊತ್ತಿಗೆ ಕೈಕೊಡಬಹುದೆಂದು ಡಾಕ್ಟರು ಹೇಳಿದ್ದಾರೆ. ಅದಕ್ಕೆ ಮುಂಚೆ ಒಂದು ಸಲ, ಒಂದೇ ಸಲ, ನಾನು ಆ ಹಾಡು ಹಾಡುವುದನ್ನು ಅಮ್ಮ ಕಣ್ಣಿಂದ ನೋಡಿ ಕಿವಿಯಿಂದ ಕೇಳಬೇಕು ಎಂಬ ಆಸೆ ನನಗೆ ಬಂದದ್ದು ಅಪರಾಧವೇ? ಅಡುಗೆಮನೆಯಲ್ಲೇ ಹಾಡಿ ತೋರಿಸಬಹುದಿತ್ತಲ್ಲ ಎಂದು ತಾವು ಕೇಳಬಹುದು. ಹಾಡಿದ್ದೇನೆ. ಅನ್ನ ಸೀಯುತ್ತಿದೆ ಎಂದರು.

ಈಗಿನ ನೇರಿಯ ನಿಜವಾದ ಹೆಸರು ಕೇಲಾನಿ. ಅವಳು ಆರು ವರ್ಷದವಳಿದ್ದಾಗ ನಾನೇ ಕೈಹಿಡಿದು ರಸ್ತೆ ದಾಟಿಸುತ್ತಿದ್ದೆ. ಸೀನು ಸರಿಯಾಗಿ ಕೂರುತ್ತಿಲ್ಲವೆಂದು ಜೂನ್ ತಿಂಗಳಲ್ಲಿ ನನ್ನ ಹತ್ತಿರ ಬಂದವಳಿಗೆ ನಾನು ವಿಷಯವನ್ನೆಲ್ಲ ಹೇಳಿದೆ. ಆ ಹುಡುಗಿ ಹಿಂದೆಮುಂದೆ ನೋಡದೆ ಎಫ್ರಾಯಿನ್ ಹತ್ತಿರ ಹೋಗಿ, ಆರ್ಚರ್ಡ್ ಬೀಚಿನಲ್ಲಿ ಟೀಟೀ ನೆರೈದಾ ಹಾಡಲಿ, ನಾನು ಪಕ್ಕದಲ್ಲಿ ಕುಣಿಯುತ್ತೇನೆ ಎಂದಳಂತೆ. ಅವನು ಕೊಟ್ಟ ಉತ್ತರವನ್ನು ಅವಳು ನನಗೆ ಹಾಗೆಯೇ ಒಪ್ಪಿಸಿದಳು:

"ಜನ ಬರೋದು ಒರಿಜಿನಲ್ ನೋಡೋಕೆ ಕಣಮ್ಮ. ಯಾರ್ಯಾರನ್ನೋ ಹತ್ತಿಸೋಕಾಗಲ್ಲ."

ಶನಿವಾರ ನಾನು ಅಮ್ಮನನ್ನು ಮಡಚುವ ಕುರ್ಚಿಯ ಸಮೇತ ಕರೆದುಕೊಂಡು ಹೋಗಿ, ಎಡಗಿವಿ ವೇದಿಕೆಯ ಕಡೆಗೆ ಬರುವಂತೆ ಮುಂದಿನ ಸಾಲಿನಲ್ಲಿ ಕೂರಿಸಿದೆ. ಕನಿಷ್ಠ ತಮ್ಮ ದನಿಯಲ್ಲಾದರೂ ನನ್ನನ್ನು ಕೇಳಲಿ ಎಂದುಕೊಂಡೆ. ಎಂದಿನಂತೆ ಎಫ್ರಾಯಿನ್ ತಮ್ಮ ನೆತ್ತಿಯ ಮೇಲೆ ಸಂತ ಅಂತೋಣಿಯವರ ಪಟವನ್ನೂ, ತೀರಿಹೋದ ಟೀಟೀ ಓಬ್ದುಲಿಯಾ ಅವರ ಆತ್ಮದ ತೃಪ್ತಿಗಾಗಿ ಒಂದು ಲೋಟ ನೀರನ್ನೂ ಇಟ್ಟ. ಹಿರಿಯರ ಆತ್ಮಕ್ಕೆ ನೀರಿಡುವುದು ನಮ್ಮ ಮನೆಗಳಲ್ಲೆಲ್ಲ ಇರುವ ಪದ್ಧತಿ, ಆದರೆ ಕರೆಂಟಿನ ಯಂತ್ರದ ಮೇಲೆ ಇಡುವವನು ಎಫ್ರಾಯಿನ್ ಒಬ್ಬನೇ. ಸಣ್ಣ ಕ್ಲಬ್ಬುಗಳಲ್ಲಿ ಇಷ್ಟು ವರ್ಷ ಏನೂ ಆಗಿರಲಿಲ್ಲ. ಬೀಚಿನಲ್ಲಿ ಬೀರುವಿನಷ್ಟು ದೊಡ್ಡ ಸ್ಪೀಕರುಗಳು ಗುಡುಗಿದಾಗ ಲೋಟ ನಡುಗುತ್ತ ನಡುಗುತ್ತ ಅಂಚಿಗೆ ಬಂದು, ಎರಡನೆಯ ಚರಣದ ಹೊತ್ತಿಗೆ ತಮ್ಮ ಮೇಲೆಯೇ ಅಭಿಷೇಕವಾಯಿತು. ನನ್ನ ದನಿ ಮೊದಲು ಗಂಡಸಿನ ದನಿಯಾಯಿತು, ಆಮೇಲೆ ಎಮ್ಮೆಯ ದನಿಯಾಯಿತು, ಆಮೇಲೆ ನಿಂತೇಹೋಯಿತು. ಮೂವರು ಹುಡುಗಿಯರು ಸೀನಲೆಂದು ಕೈಯೆತ್ತಿ, ತಲೆ ಹಿಂದಕ್ಕೆ ಎಸೆದು, ಹಾಗೆಯೇ ನಿಂತಿದ್ದರು.

ಕೇಲಾನಿ ನೇರವಾಗಿ ವೇದಿಕೆಯ ಅಂಚಿಗೆ ಬಂದು ನನಗೆ ಕೈಚಾಚಿದಳು.

"ಟೀಟೀ, ಬನ್ನಿ. ಈಗ ನೀವು ನನ್ನ ಕೈ ಹಿಡ್ಕೊಳ್ಳಿ."

ಹವಾಯಿ ಚಪ್ಪಲಿಯಲ್ಲೇ ಹತ್ತಿದೆ. ತಾಳವಿಲ್ಲದಿದ್ದರೂ ಜನರ ಚಪ್ಪಾಳೆ ಇತ್ತು. ಮಂಡಿ ನೋಯುತ್ತಿತ್ತು, ಮೇಲಿನ ಸ್ವರಕ್ಕೆ ದನಿ ಏರದೆ ಅದನ್ನು ಕೆಳಗಿನಿಂದಲೇ ದಾಟಿಸಿದೆ, ಆದರೆ ಕೊನೆಯ ಸಾಲಿನ ತನಕ ಒಂದು ಅಕ್ಷರ ಬಿಡದೆ ಹಾಡಿದೆ. ಮೂವತ್ತೆಂಟು ವರ್ಷಗಳಲ್ಲಿ ಜನರ ಮುಂದೆ ಆ ಹಾಡನ್ನು ನಿಜವಾಗಿ ಹಾಡಿದ್ದು ಅದೇ ಮೊದಲು. ನನಗೆ ಅಳು ಬಂತು, ಸಂತೋಷವೂ ಆಯಿತು, ಎಫ್ರಾಯಿನ್ ಟವೆಲಿನಿಂದ ತಮ್ಮನ್ನು ಒರೆಸುತ್ತ ಕೂತಿದ್ದನ್ನು ನೋಡಿ ಇನ್ನೂ ಸಂತೋಷವಾಯಿತು. ಇಳಿದು ಬಂದು ಅಮ್ಮನ ಎಡಗಡೆ ಮಂಡಿಯೂರಿ ಕೂತೆ. ಅಮ್ಮ ನನ್ನ ಹಣೆಯ ಬೆವರನ್ನು ಕರವಸ್ತ್ರದಿಂದ ಒರೆಸಿ ಹೇಳಿದರು:

"ಪರವಾಗಿಲ್ಲ ಮಗಳೇ, ಚೆನ್ನಾಗೇ ಹಾಡಿದೆ. ಆದ್ರೆ ಆ ಹುಡುಗಿ ಹಾಡಿದ ಹಾಗೆ ಬರಲ್ಲ ಬಿಡು."

ನನ್ನ ಹಿಂದೆಯೇ ಇಳಿದು ಬಂದಿದ್ದ ಕೇಲಾನಿ ನಿಜ ಹೇಳಲು ಬಾಯಿ ತೆರೆದಳು. ನಾನು ಅವಳ ಕೈ ಅದುಮಿ ಸುಮ್ಮನಾಗಿಸಿದೆ. ಅಮ್ಮ ಹೇಳಿದ್ದು ನಿಜವೇ ಆಗಿತ್ತು. ಹೌದಮ್ಮ, ಅವಳ ಹಾಗೆ ಬರುವುದಿಲ್ಲ ಎಂದೆ, ಮತ್ತು ಅಮ್ಮನಿಗೆ ತೆಂಗಿನಕಾಯಿ ಐಸ್ ತರಲು ಎದ್ದೆ.

ಆದ್ದರಿಂದ ಮಾನ್ಯರೇ, ನನ್ನ ದೂರು ಇಷ್ಟೇ. ತಾವು ಕೆಟ್ಟದ್ದರ ಬಗ್ಗೆ ನನ್ನದು ಯಾವ ಆಕ್ಷೇಪವೂ ಇಲ್ಲ. ಒಬ್ಬ ಹುಡುಗಿಯನ್ನು ಇಷ್ಟು ವರ್ಷ ಒಂದು ಸುಕ್ಕೂ ಬೀಳದಂತೆ ನೋಡಿಕೊಂಡು, ಅವಳ ಮುಂದೆ ನನ್ನನ್ನು ಸಣ್ಣವಳನ್ನಾಗಿ ಮಾಡಿದ್ದೀರಲ್ಲ, ಅದರ ಬಗ್ಗೆ ತಾವು ಸೂಕ್ತ ಕ್ರಮ ಕೈಗೊಳ್ಳಬೇಕು. ಅವಳಿಗೂ ವರ್ಷಕ್ಕೆ ಒಂದರಂತೆ ವಯಸ್ಸು ಸೇರಿಸತಕ್ಕದ್ದು, ಅವಳಿಗೂ ಮಂಡಿನೋವು ಕೊಡತಕ್ಕದ್ದು, ಮಳೆಯಲ್ಲಿ ಸೀಟಿ ಊದಲು ನನ್ನ ಬದಲಿಗೆ ಒಂದು ದಿನ ಅವಳನ್ನು ಕಳುಹಿಸತಕ್ಕದ್ದು. ಹದಿನೈದು ದಿನದೊಳಗೆ ಉತ್ತರ ಬಾರದಿದ್ದಲ್ಲಿ ಟೀಟೀ ಓಬ್ದುಲಿಯಾ ಅವರ ಆತ್ಮಕ್ಕೆ ಮೇಲ್ಮನವಿ ಸಲ್ಲಿಸುತ್ತೇನೆ.

ಇಂತಿ ತಮ್ಮ ವಿಶ್ವಾಸಿ,
ನೆರೈದಾ ಕಿನ್ಯೋನೆಸ್
(ಪ್ರಥಮ ನೇರಿ, ರಟ್ಟಿನ ಎಡಗಡೆಯ ಮೊಣಕೈ)

ಮರೆತ ಮಾತು: ನಿನ್ನೆ ಊಟಕ್ಕೆ ಕೂತಾಗ ಅಮ್ಮ ಇದ್ದಕ್ಕಿದ್ದಂತೆ, "ಆ ಹುಡುಗೀನ ಒಂದ್ಸಲ ಮನೆಗೆ ಕರ್ಕೊಂಡು ಬಾರೇ, ಇಷ್ಟು ವರ್ಷ ನಂಗೋಸ್ಕರ ಹಾಡಿದಾಳೆ, ಒಂದು ತುತ್ತು ಹಾಕಿಲ್ಲ ನಾನು" ಎಂದರು. ಬರುವ ಭಾನುವಾರ ತೊಗರಿಕಾಳಿನ ಅನ್ನ ಮತ್ತು ಹುರಿದ ಹಂದಿಮಾಂಸ ಎಂದು ತೀರ್ಮಾನವಾಗಿದೆ, ಅವಳಿಗೆಂದು ಹೊಸ ತಟ್ಟೆಯೂ ಬಂದಿದೆ. ನಾನು ಎಲ್ಲ ಕಡೆ ಹುಡುಕಿದ್ದೇನೆ, ಆ ಹುಡುಗಿ ಇರುವುದು ತಮ್ಮಲ್ಲಿ ಮಾತ್ರ. ದಯವಿಟ್ಟು ಒಂದು ಹೊತ್ತಿನ ಮಟ್ಟಿಗೆ ಕಳುಹಿಸಿಕೊಡಿ, ಅಮ್ಮನಿಗೆ ಇನ್ನೂ ಕೇಳಿಸುತ್ತಿದೆ.