ಮಾಯ ಆದವರ ಲೆಕ್ಕ

ನಮ್ಮ ಸೋದರಮಾವನ ಜೊತೆ ಸಿನಿಮಾಕ್ಕೆ ಹೋಗುವ ಆಸೆ ಯಾರಿಗಾದರೂ ಇದ್ದರೆ, ಮಾನ ಮರ್ಯಾದೆಯನ್ನು ಮನೆಯಲ್ಲೇ ಬಿಟ್ಟು ಹೊರಡುವುದು ಒಳ್ಳೆಯದು. ಅವರ ದೆಸೆಯಿಂದ ನನ್ನನ್ನು ಥಿಯೇಟರಿನಿಂದ ಎರಡು ಸಲ ಆಚೆ ಕಳಿಸಿದ್ದಾರೆ. ನಾನೋ ಬಂಗಾರಪೇಟೆಯ ಹೈಸ್ಕೂಲೊಂದರಲ್ಲಿ ಸಮಾಜ ವಿಜ್ಞಾನದ ಮೇಡಂ! ಎರಡನೇ ಸಲ ಆಚೆ ಕಳಿಸಿದ ಗೇಟಿನವನು ನನ್ನ ಹಳೇ ವಿದ್ಯಾರ್ಥಿಯೇ. "ಸಾರಿ ಮಿಸ್, ತಾತನ್ನ ಕರ್ಕೊಂಡೋಗ್ಬಿಡಿ" ಅಂದ. ಪರೀಕ್ಷೆಯಲ್ಲಿ ನಾನು ಕೊಟ್ಟ ಅಂಕಗಳು ಅವನಿಗೆ ಚೆನ್ನಾಗಿಯೇ ನೆನಪಿದ್ದವು ಅಂತ ಕಾಣುತ್ತೆ.

ಮಾವ ನೋಡುವುದು ಒಂದೇ ಜಾತಿಯ ಸಿನಿಮಾ. ಅದು ಇಂಗ್ಲಿಷಿನಿಂದ ತೆಲುಗಿಗೋ ತಮಿಳಿಗೋ ಇಳಿದು ಬಂದಿರಬೇಕು. ದಟ್ಟ ಕಾಡಿರಬೇಕು. ಕಾಡಿನ ನಡುವೆ ಮಾಯಾ ಅನ್ನುವ ಜನ ಯಾವುದೋ ಕಾಲದಲ್ಲಿ ಕಟ್ಟಿ ಬಿಟ್ಟುಹೋದ, ಮೆಟ್ಟಿಲು ಮೆಟ್ಟಿಲಾಗಿ ಎದ್ದ ಕಲ್ಲಿನ ಗುಡಿ ಇರಬೇಕು. ಆ ಗುಡಿಯ ಹೊಟ್ಟೆಯೊಳಗೆ ಒಂದು ಚಿನ್ನದ ಬೊಂಬೆ. ಅದನ್ನು ಹೊತ್ತು ತರಲು ಟೋಪಿ ಹಾಕಿಕೊಂಡ ಹೀರೋ, ಎಷ್ಟು ಓಡಿದರೂ ತಲೆ ಕೆದರದ ಹೀರೋಯಿನ್, ಅವರ ಹಿಂದೆ ಗಂಟುಮೂಟೆ ಹೊತ್ತ ಒಂದಷ್ಟು ಕೂಲಿಗಳು. ಇಂಥವಕ್ಕೆಲ್ಲ ಮಾವ ಇಟ್ಟಿರುವ ಹೆಸರು 'ಗುಡಿ ಪಿಕ್ಚರ್'. "ಎಲ್ಲಿಗೆ ಸ್ವಾಮಿ?" ಅಂತ ಕೇಳಿದವರಿಗೆಲ್ಲ "ಗುಡಿ ಪಿಕ್ಚರ್‌ಗೆ" ಅನ್ನುತ್ತಿದ್ದರಿಂದ, ಪಕ್ಕದ ಮನೆಯವರು ಇವರನ್ನು ಮಹಾ ದೈವಭಕ್ತ ಅಂದುಕೊಂಡು ಹಬ್ಬ ಹಬ್ಬಕ್ಕೂ ಹೋಳಿಗೆ ಕಳಿಸುತ್ತಿದ್ದರು. ಮಾವ ಒಂದು ಸಲವೂ ಬೇಡ ಅನ್ನಲಿಲ್ಲ.

ಹೋಗಲಿ, ಸುಮ್ಮನೆ ನೋಡುತ್ತಾರೆಯೇ? ಇಲ್ಲ. ಮಾವ ಕೆ.ಜಿ.ಎಫ್.ನ ನಂದಿದುರ್ಗ ಚಿನ್ನದ ಗಣಿಯಲ್ಲಿ, ಅದು ಮುಚ್ಚುವವರೆಗೂ, ಮರ ಕೊಡುವ ಕೆಲಸದಲ್ಲಿದ್ದವರು. ಅಂದರೆ ಸುರಂಗದ ತಲೆ ಕುಸಿಯದಂತೆ ದಿಮ್ಮಿ ನಿಲ್ಲಿಸುವ ಕೆಲಸ. ಹೀಗಾಗಿ ಆ ಟೋಪಿ ಹೀರೋ ಅವರ ಕಣ್ಣಿಗೆ ಹೀರೋ ಅಲ್ಲ, ಮೊನ್ನೆ ಕೆಲಸಕ್ಕೆ ಸೇರಿದ ದಡ್ಡ.

"ನೋಡಮ್ಮಾ ನೋಡು, ಮೇಲಿನ ಕಲ್ಲು ತಟ್ಟಿ ನೋಡ್ದೆ ಒಳಕ್ಕೋಗ್ತಾವ್ನೆ. ಒಂದಾದ್ರೂ ಮರ ಕೊಟ್ಟವ್ನಾ? ಇವನ್ನ ಕೆಲಸಕ್ಕೆ ತಗೊಂಡೋನು ಯಾವನು?"

ಹಿಂದಿನ ಸಾಲಿನವರು "ಉಶ್" ಅನ್ನುತ್ತಾರೆ. ಮಾವ ಅವರ ಕಡೆ ತಿರುಗಿ, ಗಟ್ಟಿ ಕಲ್ಲು ತಟ್ಟಿದರೆ ಟಣ್ ಅನ್ನುವುದನ್ನೂ ಸಡಿಲವಾದದ್ದು ಡಬ್ ಅನ್ನುವುದನ್ನೂ ವಿವರಿಸುತ್ತಾರೆ. ಅಷ್ಟರಲ್ಲಿ ಪರದೆಯ ಮೇಲೆ ಹೀರೋ ಹಾವಿನ ಗುಂಡಿಗೆ ಬಿದ್ದಿರುತ್ತಾನೆ. ಯಾಕೆ ಬಿದ್ದ, ಹೇಗೆ ಬಿದ್ದ ಅಂತ ಅರ್ಧ ಥಿಯೇಟರಿಗೆ ಗೊತ್ತಾಗುವುದಿಲ್ಲ.

ನಿಜವಾದ ಫಜೀತಿ ಇರುವುದು ಕೊನೆಯಲ್ಲಿ. ಗುಡಿ ಕುಸಿಯುತ್ತೆ, ಹೀರೋ ಬೊಂಬೆ ಹಿಡಿದುಕೊಂಡು ಹೀರೋಯಿನ್ ಜೊತೆ ಆಚೆ ಹಾರುತ್ತಾನೆ, ಜನ ಶಿಳ್ಳೆ ಹಾಕುತ್ತಾರೆ, ಲೈಟು ಹತ್ತುತ್ತೆ. ಮಾವ ಎದ್ದು ನಿಲ್ಲುತ್ತಾರೆ.

"ಒಳಕ್ಕೋದೋರು ಒಂಬತ್ತು ಜನ. ಈಚೆಗೆ ಬಂದೋರು ಇಬ್ರು. ಮಿಕ್ಕ ಏಳು ಜನ ಎಲ್ಲಿ?"

ಗಣಿಯೊಳಗೆ ಇಳಿಯುವ ಮುಂಚೆ ಪ್ರತಿಯೊಬ್ಬನಿಗೂ ಒಂದು ನಂಬರಿನ ಬಿಲ್ಲೆ ಕೊಡುತ್ತಿದ್ದರಂತೆ. ಮೇಲೆ ಬಂದವನು ಬಿಲ್ಲೆ ವಾಪಸ್ಸು ಕೊಡಬೇಕು. ಒಂದು ಬಿಲ್ಲೆ ಬಾರದಿದ್ದರೂ ಒಬ್ಬ ಒಳಗಿದ್ದಾನೆ ಅಂತ ಲೆಕ್ಕ. ಅವನೇನಾದ ಅಂತ ತಿಳಿಯುವವರೆಗೆ ಯಾರೂ ಮನೆಗೆ ಹೋಗುವ ಹಾಗಿಲ್ಲ. ಮಾವ ಸಿನಿಮಾಕ್ಕೂ ಅದೇ ಕಾನೂನು ತಂದರು. ಮ್ಯಾನೇಜರ್ ಓಡಿ ಬಂದಾಗ ತಮಿಳಿನಲ್ಲಿ ದಬಾಯಿಸಿದರು, "ಏಳು ಪೇರು ಉಳ್ಳೆ ಇರ್ಕಾಂಗಪ್ಪಾ!" ಏಳು ಜನ ಒಳಗಿರುವಾಗ ಲೈಟು ಹಾಕಲು ಇವನ್ಯಾರು ಅಂತ ಅವರ ತಕರಾರು. "ಅದು ಸಿನಿಮಾ ತಾತಾ, ನಿಜ ಅಲ್ಲ" ಅಂದ ಮ್ಯಾನೇಜರ್.

"ಸಿನಿಮಾ ಆದ್ರೇನು? ಸಿನಿಮಾದಲ್ಲಿ ಕೂಲಿಗಳು ಕೂಲಿಗಳಲ್ವಾ?" ಅಂದರು ಮಾವ. ಮ್ಯಾನೇಜರ್ ಗೇಟಿನವನನ್ನು ಕೂಗಿದ, ನಮ್ಮನ್ನು ಆಚೆ ಕಳಿಸಿದ್ದು ಹಾಗೆ.

ಥಿಯೇಟರಿನ ಆಚೆಯಾದರೂ ನೆಮ್ಮದಿಯೇ? ನಾವು ಬಂಗಾರಪೇಟೆಯಲ್ಲಿ ಬಾಡಿಗೆ ಮನೆ ಹುಡುಕುವಾಗ ಮಾವನನ್ನೂ ಕರೆದುಕೊಂಡು ಹೋಗಿದ್ದೆ, ನನ್ನ ಗ್ರಹಚಾರ. ಮನೆಯ ಯಜಮಾನರು ನೀರು ಬರುವ ಹೊತ್ತು, ಗಾಳಿ ಬರುವ ದಿಕ್ಕು ಎಲ್ಲ ಹೇಳುತ್ತಿದ್ದಾರೆ. ಮಾವ ಕೊಡೆಯ ಹಿಡಿಯಿಂದ ಸೂರು ತಟ್ಟುತ್ತಾ ಒಂದೊಂದೇ ರೂಮು ದಾಟುತ್ತಿದ್ದಾರೆ. ಅಡುಗೆಮನೆಯಲ್ಲಿ "ಡಬ್ ಅಂತೈತೆ" ಅಂದರು. ಯಜಮಾನರು "ಏನೂ ಇಲ್ಲ, ಗಟ್ಟಿಯಾಗಿದೆ" ಅಂತ ಮುಂದೆ ಬಂದು ತಲೆಯೆತ್ತಿದರು. ಮಾವ ಇನ್ನೊಂದು ಸಲ ತಟ್ಟಿದರು. ಗಾರೆ ಒಂದು ತಟ್ಟೆಯಗಲ ಕಿತ್ತು ಅವರ ತಲೆಯ ಮೇಲೇ ಬಿತ್ತು. ಆ ಮನೆ ನಮಗೆ ಸಿಗಲಿಲ್ಲ.

ಈಗ ನಮ್ಮಮ್ಮನ ವಿಷಯ ಹೇಳದೆ ಮುಂದೆ ಹೋಗುವ ಹಾಗಿಲ್ಲ. ಅಮ್ಮ ನನ್ನ ಜೊತೆಯಲ್ಲೇ ಇದ್ದಾರೆ. ಅವರು ಈ ತಮ್ಮನ ಜೊತೆ ಮಾತು ಬಿಟ್ಟು ಮೂವತ್ತು ವರ್ಷದ ಹತ್ತಿರವಾಯಿತು. ಮಾತು ಬಿಟ್ಟಿದ್ದಾರೆಯೇ ಹೊರತು ಅವರಿಗೆ ಅಡುಗೆ ಮಾಡುವುದನ್ನು ಬಿಟ್ಟಿಲ್ಲ. ಭಾನುವಾರ ಬಂತೆಂದರೆ ಮಾವ ಕೆ.ಜಿ.ಎಫ್.ನಿಂದ ರೈಲು ಹತ್ತಿ ಬರುತ್ತಾರೆ, ಅಮ್ಮ ಬೆಳಿಗ್ಗೆಯೇ ಹುರುಳಿಕಾಳು ನೆನೆಹಾಕಿರುತ್ತಾರೆ. ಇಬ್ಬರ ನಡುವೆ ಮಾರುದ್ದ ದೂರವಿಲ್ಲ, ಆದರೆ ಮಾತೆಲ್ಲ ನನ್ನ ಮೂಲಕ.

"ನಿಮ್ಮ ಮಾವಂಗೆ ಏಳು, ಮುದ್ದೆ ಆರೋಗ್ತೈತೆ."

"ನಿಮ್ಮಮ್ಮಂಗೆ ಏಳು, ಸಾರಿಗೆ ಉಪ್ಪು ಕಮ್ಮಿ."

"ನಿಮ್ಮ ಮಾವಂಗೆ ಏಳು, ಉಪ್ಪು ಅವನ ಮುಂದೇನೇ ಐತೆ."

ಎಂಟನೇ ವಯಸ್ಸಿನಲ್ಲಿ ನನಗೆ ಈ ಕೆಲಸ ಅಂಟಿಕೊಂಡಿತು. ಸ್ಕೂಲಿನ ಕೆಲಸಕ್ಕಾದರೂ ನಿವೃತ್ತಿ ಇದೆ, ಇದಕ್ಕಿಲ್ಲ.

ಇಷ್ಟಕ್ಕೆಲ್ಲ ಕಾರಣ ಒಂದೇ ಒಂದು ಪದ. ನಾವಾಗ ಗಣಿಯ ಕೆಲಸಗಾರರಿಗೆ ಸಾಲಾಗಿ ಕಟ್ಟಿದ ಲೈನ್ ಮನೆಯಲ್ಲಿದ್ದೆವು. ಅಪ್ಪ, ಮಾವ ಇಬ್ಬರಿಗೂ ಒಂದೇ ಪಾಳಿ. ಒಂದು ದಿನ ಒಳಗೆ ಏರ್ ಬ್ಲಾಸ್ಟ್ ಆಯಿತು. ಭೂಮಿಯ ಆಳದಲ್ಲಿ ಬಂಡೆ ತಾನಾಗಿ ಸಿಡಿಯುವುದಕ್ಕೆ ನಮ್ಮ ಕಡೆ ಹಾಗನ್ನುತ್ತಾರೆ. ಮಾವ ಒಬ್ಬರೇ ಮನೆಗೆ ಬಂದರು. ತಲೆಯಿಂದ ಕಾಲಿನವರೆಗೆ ಬರೀ ಧೂಳು, ಗುರುತೇ ಸಿಗುವಂತಿರಲಿಲ್ಲ. "ಎಲ್ಲಲಾ ನಿಮ್ಮ ಭಾವ?" ಅಂತ ಅಮ್ಮ ಕೇಳಿದರು. ಮಾವ ಬಾಗಿಲಲ್ಲೇ ನಿಂತು, "ಭಾವ ಮಾಯ ಆಗೋದ್ರು ಅಕ್ಕಾ" ಅಂದರು. ಅಪ್ಪನ ದೇಹ ಸಿಗಲೇ ಇಲ್ಲ.

ನಮ್ಮ ಕಡೆ ಮಾಯ ಆಗುವುದು ಅಂದರೆ ಏನು? ಹಟ್ಟಿಯಿಂದ ಮೇಕೆ ಮಾಯ ಆಗುತ್ತೆ. ಹೆಂಡತಿಯ ಹತ್ತಿರ ಜಗಳ ಆಡಿದ ಗಂಡಸು ಮಾಯ ಆಗುತ್ತಾನೆ, ನಾಲ್ಕು ದಿನ ಬಿಟ್ಟು ಹಸಿದುಕೊಂಡು ಬರುತ್ತಾನೆ. ಲೈನಿನ ನಾಲಿಗೆಗಳಿಗೆ ಅಷ್ಟು ಸಾಕಾಯಿತು. ಅಪ್ಪನಿಗೆ ಕಾಮಸಮುದ್ರದ ಕಡೆ ಯಾವಳೋ ಇದ್ದಳಂತೆ, ಗಲಾಟೆಯಲ್ಲಿ ಇದೇ ಸಮಯ ಅಂತ ಜಾರಿಕೊಂಡನಂತೆ! ಹೇಳಿದವರ ಬಾಯಿಗೆ ಹುಳ ಬೀಳಲಿಲ್ಲ, ಚೆನ್ನಾಗಿಯೇ ಬದುಕಿದರು. ಕಂಪನಿಯವರು ಅಪ್ಪ ಇಲ್ಲ ಅಂತ ಕಾಗದ ಕೊಟ್ಟರು. ಅಮ್ಮ ಅದನ್ನು ಟ್ರಂಕಿನ ತಳಕ್ಕೆ ಹಾಕಿದರು.

"ಕಾಗದಕ್ಕೇನು ಗೊತ್ತು? ಪಕ್ಕದಲ್ಲಿದ್ದೋನು ಅವನು. ಸತ್ರು ಅಂತಾದ್ರೂ ಏಳ್ಲಿ, ಬದುಕವ್ರೆ ಅಂತಾದ್ರೂ ಏಳ್ಲಿ. ಅಲ್ಲೀವರ್ಗೂ ಅವನತ್ರ ಮಾತಿಲ್ಲ."

ಅಷ್ಟೇ. ಅಮ್ಮನಿಗೆ ಬೇಕಾಗಿದ್ದದ್ದು ತಮ್ಮನ ಬಾಯಿಂದ ಒಂದು ನೇರ ಮಾತು. ಅದು ಬರಲಿಲ್ಲ. ಅಮ್ಮನ ಹಣೆಯಲ್ಲಿ ಕುಂಕುಮ, ಕೈಯಲ್ಲಿ ಗಾಜಿನ ಬಳೆ ಇವತ್ತಿಗೂ ಇವೆ. ನಾನು ದೊಡ್ಡವಳಾದ ಮೇಲೆ ಮಾವನನ್ನು ಎಷ್ಟು ಸಲ ಕೇಳಿದ್ದೇನೆ. ಪ್ರತಿ ಸಲವೂ ಅವರು ರಿಮೋಟು ಹುಡುಕುತ್ತಾರೆ. ನನಗೆ ಅವರ ಮೇಲೆ ಸಿಟ್ಟಿಲ್ಲ ಅಂದರೆ ಸುಳ್ಳು. ಯಾವುದೋ ದೇಶದ, ಹೆಸರೂ ಇಲ್ಲದ ಕೂಲಿಗಳ ಲೆಕ್ಕವನ್ನು ಥಿಯೇಟರಿನಲ್ಲಿ ನಿಂತು ಕೇಳುವ ಮನುಷ್ಯ, ನಮ್ಮಪ್ಪನ ಲೆಕ್ಕವನ್ನು ಮನೆಯಲ್ಲಿ ಕೂತು ಕೊಡಲಿಲ್ಲ. ಹಾಗಂತ ನಾನೇನು ಮಹಾ ಧೈರ್ಯವಂತೆಯೇ? ಅಪ್ಪ ಇಲ್ಲ ಅಂತ ನನಗೆ ಗೊತ್ತಿತ್ತು. ಅಮ್ಮನ ಮುಖ ನೋಡಿಕೊಂಡು ನಾನೂ ಆ ಮಾತು ಹೇಳಲಿಲ್ಲ.

ಈಚೆಗೆ ಇನ್ನೊಂದು ತಮಾಷೆ ಶುರುವಾಗಿದೆ. ಕ್ಯಾಮೆರಾ ನೇತುಹಾಕಿಕೊಂಡ ಜನ ಕೆ.ಜಿ.ಎಫ್.ಗೆ ಬಂದು ಮುರಿದ ಕಟ್ಟಡ, ತುಕ್ಕು ಹಿಡಿದ ಕಬ್ಬಿಣ, ಚಿನ್ನ ತೆಗೆದು ಸುರಿದ ಸೈನೈಡ್ ಮಣ್ಣಿನ ಗುಡ್ಡ ಎಲ್ಲ ವಿಡಿಯೋ ಮಾಡುತ್ತಾರೆ. ಒಂದು ದಿನ ಇಬ್ಬರು ಮಾವನ ಮನೆಯ ಮುಂದೆಯೇ ಬಂದು ನಿಂತರಂತೆ. ಮಾವ ಖುಷಿಯಾಗಿ, ಬಿಳೀ ಷರ್ಟು ಹಾಕಿಕೊಂಡು ಬಾಗಿಲಿಗೆ ಬಂದರೆ, "ತಾತಾ, ಸ್ವಲ್ಪ ಪಕ್ಕಕ್ಕೆ ಹೋಗಿ. ಜನ ಕಾಣಬಾರದು" ಅಂದರಂತೆ. ಆ ವಿಡಿಯೋವನ್ನು ಆಮೇಲೆ ನಾನೇ ಹುಡುಕಿ ತೋರಿಸಿದೆ. ಹೆಸರು 'ಯಾರೂ ಇಲ್ಲದ ಊರು'! ಹಿಂದೆ ಎಲ್ಲೋ ವಡೆ ಮಾರುವವನು ಕೂಗುವುದು ಸ್ಪಷ್ಟವಾಗಿ ಕೇಳುತ್ತೆ. ಮಾವ ಎರಡು ಸಲ ಹಾಕಿಸಿಕೊಂಡು ನೋಡಿದರು.

"ನಮ್ಮನ್ನೂ ಮಾಯ ಮಾಡ್ಬಿಟ್ರು ಕಣಮ್ಮಾ. ನಾಳೆ ಟೋಪಿ ಹಾಕ್ಕೊಂಡು ಯಾವನೋ ಬತ್ತಾನೆ, ಬೊಂಬೆ ಹುಡುಕ್ಕೊಂಡು. ಬರ್ಲಿ. ಚಿನ್ನ ಎಲ್ಲ ಆಗ್ಲೇ ಒಂಟೋಗೈತೆ, ಕೆಮ್ಮು ಐತೆ, ತಗೊಂಡೋಗ್ಲಿ" ಅಂದರು. ನಾನು ನಕ್ಕೆ. ಅವರೂ ನಗಲು ಹೋಗಿ ನಿಜವಾಗಿಯೇ ಕೆಮ್ಮಿದರು.

ಕಳೆದ ಭಾನುವಾರ ಮಧ್ಯಾಹ್ನ ಟಿ.ವಿ.ಯಲ್ಲಿ ಒಂದು ಗುಡಿ ಪಿಕ್ಚರ್ ಬಂತು. ತೆಲುಗಿನದು. ಅಮ್ಮನಿಗೆ ನಮಗಿಂತ ಚೆನ್ನಾಗಿ ತೆಲುಗು ಬರುತ್ತೆ, ಅಡುಗೆಮನೆಯಿಂದಲೇ ಕೇಳಿಸಿಕೊಳ್ಳುತ್ತಿದ್ದರು. ಹೀರೋ ಕಾಡಿನಲ್ಲಿ ನಿಂತು ಗುಡಿ ನೋಡುತ್ತಾ, ಈ ಮಾಯಾ ಜನರೆಲ್ಲ ಒಂದು ದಿನ ಮಾಯವಾದರು, ಎಲ್ಲಿ ಹೋದರೋ ದೇವರಿಗೇ ಗೊತ್ತು ಅಂತ ಗಂಟಲು ತುಂಬಿ ಹೇಳಿದ. ಸುಮ್ಮನಿರಬೇಕಾಗಿತ್ತು ನಾನು. ಪಾಠ ಮಾಡಿ ಮಾಡಿ ಬಾಯಿ ಕೆಟ್ಟುಹೋಗಿದೆ.

"ಸುಳ್ಳು ಮಾವ. ಅವರೆಲ್ಲೂ ಮಾಯ ಆಗಿಲ್ಲ. ಆ ಊರುಗಳನ್ನ ಬಿಟ್ಟರು ಅಷ್ಟೆ. ಲಕ್ಷಗಟ್ಟಲೆ ಜನ ಇವತ್ತೂ ಅಲ್ಲೇ ಸುತ್ತಮುತ್ತ ಇದ್ದಾರೆ. ಅದೇ ಭಾಷೆ ಆಡ್ತಾರೆ, ಮುಸುಕಿನ ಜೋಳ ಬೆಳೀತಾರೆ. ಮಾಯ ಆದರು ಅಂತ ಹೇಳೋದು ಈ ಸಿನಿಮಾದವರು."

ಅಡುಗೆಮನೆಯಲ್ಲಿ ಪಾತ್ರೆಯ ಸದ್ದು ನಿಂತಿತು. ಅಮ್ಮ ಒದ್ದೆ ಕೈಯಲ್ಲೇ ಬಾಗಿಲಿಗೆ ಬಂದರು.

"ಬದುಕವ್ರಾ?" ಅಂತ ಕೇಳಿದರು.

"ಯಾರಮ್ಮಾ?"

"ಅವರೇ ಕಣೇ. ಮಾಯ ಆದ್ರು ಅಂತ ಏಳಿದ್ರಲ್ಲ, ಅವರು. ಏಳಿದ್ದೋರು ಸುಳ್ಳೇಳಿದ್ರು, ಅವರು ಎಲ್ಲೋ ಬದುಕವ್ರೆ. ಅಂಗೇ ಅಲ್ವಾ ನೀನು ಏಳಿದ್ದು?"

ಅಮ್ಮನಿಗೆ ಎಪ್ಪತ್ತು ದಾಟಿದೆ. ಅವರ ಮುಖದಲ್ಲಿ ಅಷ್ಟು ಆಸೆ ಇನ್ನೂ ಉಳಿದಿದೆ ಅಂತ ನನಗೆ ಗೊತ್ತೇ ಇರಲಿಲ್ಲ. ನನ್ನ ಸಮಾಜ ವಿಜ್ಞಾನಕ್ಕೆ ಬೆಂಕಿ ಬೀಳ. ನಾನು ಮಾವನ ಕಡೆ ನೋಡಿದೆ.

ಸಿನಿಮಾದಲ್ಲಿ ಎಲ್ಲರೂ ಇನ್ನೂ ಗುಡಿಯ ಒಳಗೇ ಇದ್ದರು. ಮಾವ ಟಿ.ವಿ. ಆರಿಸಿದರು. "ಅಕ್ಕಾ" ಅಂದರು. 'ನಿಮ್ಮಮ್ಮಂಗೆ ಏಳು' ಅನ್ನಲಿಲ್ಲ, ನೇರವಾಗಿ ಅಮ್ಮನಿಗೇ ಹೇಳಿದರು.

"ಭಾವ ಬದುಕಿಲ್ಲ ಅಕ್ಕಾ. ಸತ್ತೋದ್ರು. ಅವತ್ತೇ, ನನ್ನ ಕಣ್ಮುಂದೇನೇ."

ಅಮ್ಮ ಬಾಗಿಲು ಹಿಡಿದುಕೊಂಡರು.

"ಅಲ್ಲಿ ಮರ ಕೊಟ್ಟಿದ್ದೋನು ನಾನು. ಗಟ್ಟಿ ಐತೇನ್ಲಾ ಅಂತ ಭಾವ ಕೇಳಿದ್ರು. ಐತೆ ಬನ್ನಿ ಭಾವ ಅಂತ ನಾನೇ ಕರ್ದೆ. ನಾನು ಕರ್ದಿದ್ದಕ್ಕೇ ಅವರು ಬಂದಿದ್ದು. ಅದನ್ನ ನಿಂಗೆ ಯಾವ ಬಾಯಲ್ಲಿ ಏಳ್ಲಿ?"

ಬಂಡೆ ಸಿಡಿದರೆ ಯಾವ ಮರವೂ ನಿಲ್ಲುವುದಿಲ್ಲ ಅಂತ ನಮ್ಮೂರಿನ ಮಕ್ಕಳಿಗೂ ಗೊತ್ತು. ಮಾವನಿಗೆ ಗೊತ್ತಿರಲಿಲ್ಲವೇ? ಗೊತ್ತಿದ್ದೂ ಮೂವತ್ತು ವರ್ಷ ಬಾಯಿ ಕಟ್ಟಿಕೊಂಡು ಕೂತಿದ್ದರು. ಅಮ್ಮ ಈಗ ಕೂಗುತ್ತಾರೆ, ಮನೆಯಿಂದ ಆಚೆ ನಡಿ ಅನ್ನುತ್ತಾರೆ ಅಂತ ನಾನು ಹೆದರಿ ಎದ್ದು ನಿಂತೆ.

ಅಮ್ಮ ಮೆಲ್ಲಗೆ ಬಂದು ಮಾವನ ಮುಂದೆ ನೆಲದ ಮೇಲೆ ಕೂತರು. ಕಣ್ಣು ಒರೆಸಿಕೊಳ್ಳಲಿಲ್ಲ. ಆಮೇಲೆ ಕೇಳಿದರು.

"ನೀನೂ ಅಲ್ಲೇ ಇದ್ದೆ ಅಲ್ವೇನ್ಲಾ?"

"ಇದ್ದೆ ಅಕ್ಕಾ."

"ನಿಂಗೆಲ್ಲಿ ಏಟಾಗಿತ್ತು?"

ಇಷ್ಟು ವರ್ಷದಲ್ಲಿ ಯಾರೂ ಅವರನ್ನು ಹಾಗೆ ಕೇಳಿರಲಿಲ್ಲ. ನಾನೂ ಕೇಳಿರಲಿಲ್ಲ. ಅರವತ್ತೈದು ದಾಟಿದ ನಮ್ಮ ಮಾವ ಷರ್ಟಿನ ಎರಡು ಗುಂಡಿ ಬಿಚ್ಚಿದರು, ಎಡಗಡೆಯ ಭುಜವನ್ನು ಅಕ್ಕನ ಕಡೆ ತಿರುಗಿಸಿ, "ಇಲ್ಲಿ" ಅಂತ ತೋರಿಸಿದರು.